ಸಿ ಡ್ರೈವ್ ತುಂಬಿದೆ: ಆಟಗಳನ್ನು ಮತ್ತೆ ಡೌನ್‌ಲೋಡ್ ಮಾಡದೆ ಡಿ ಡ್ರೈವ್‌ಗೆ ಸಾಗಿಸುವುದು ಹೇಗೆ?

ಕಾಫಿತೋಟ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ನನ್ನ ಲ್ಯಾಪ್‌ಟಾಪಿನಲ್ಲಿ 256 ಜಿಬಿಯ ಎಸ್‌ಎಸ್‌ಡಿ ಇದೆ. ವಿಂಡೋಸ್ 11 ಮತ್ತು ನಾನು ಆಡುವ ಎಲ್ಲ ಆಟಗಳೂ ಅದರ ಸಿ ಡ್ರೈವಿನಲ್ಲೇ ಇದ್ದವು. ಅಲ್ಲಿ 6 ಜಿಬಿ ಮಾತ್ರ ಉಳಿದು ವಿಂಡೋಸ್ ಅಪ್‌ಡೇಟ್ ಕೂಡ ಮುಂದುವರಿಯದೆ ನಿಂತುಹೋದದ್ದರಿಂದ, ಕಳೆದ ವಾರ 1 ಟಿಬಿಯ ಇನ್ನೊಂದು ಎಸ್‌ಎಸ್‌ಡಿ ಹಾಕಿಸಿದೆ. ಅದು ಡಿ ಡ್ರೈವ್ ಆಗಿ ಸರಿಯಾಗಿ ಕಾಣಿಸುತ್ತಿದೆ.

ನಮ್ಮ ಮನೆಗೆ ಇನ್ನೂ ಬ್ರಾಡ್‌ಬ್ಯಾಂಡ್ ಬಂದಿಲ್ಲ. ಫೋನಿನ ಹಾಟ್‌ಸ್ಪಾಟೇ ಗತಿ, ಅದರಲ್ಲಿ ದಿನಕ್ಕೆ ಸಿಗುವುದು 2 ಜಿಬಿ. ಆಟಗಳೆಲ್ಲ ಸೇರಿ 120 ಜಿಬಿಯಷ್ಟು ಇರುವುದರಿಂದ, ಮತ್ತೆ ಇಳಿಸಿಕೊಳ್ಳಬೇಕೆಂದರೆ ಬೇರೆ ಯಾವ ಕೆಲಸಕ್ಕೂ ಡೇಟಾ ಬಳಸದೆ ಎರಡು ತಿಂಗಳು ಕಾಯಬೇಕಾಗುತ್ತದೆ. ಅವನ್ನು ಮೊದಲ ಸಲ ಇಳಿಸಿಕೊಂಡಿದ್ದೂ ಕಾಲೇಜಿನ ಹಾಸ್ಟೆಲ್‌ನಲ್ಲಿದ್ದಾಗ.

ಅವಸರದಲ್ಲಿ ಒಂದು ತಪ್ಪು ಮಾಡಿದ್ದೇನೆ. ಆಟಗಳನ್ನು ಇಳಿಸಿಕೊಂಡು ಆಡಲು ಬಳಸುವ ಸ್ಟೀಮ್ ತಂತ್ರಾಂಶದಲ್ಲಿರುವ ಕೌಂಟರ್ ಸ್ಟ್ರೈಕ್ 2 ಆಟದ ಫೋಲ್ಡರನ್ನು ಕಟ್ ಮಾಡಿ, ಡಿ ಡ್ರೈವಿನಲ್ಲಿ ನಾನೇ ಮಾಡಿಕೊಂಡ ಗೇಮ್ಸ್ ಎಂಬ ಫೋಲ್ಡರಿಗೆ ಪೇಸ್ಟ್ ಮಾಡಿದೆ. ಈಗ ಸ್ಟೀಮ್‌ನಲ್ಲಿ ಆಟ ಇದೆಯೆಂದೇ ತೋರಿಸುತ್ತದೆ, ಆದರೆ ಪ್ಲೇ ಒತ್ತಿದರೆ ಆಟದ ಫೈಲ್ ಸಿಗುತ್ತಿಲ್ಲ ಎನ್ನುತ್ತದೆ. ಇದನ್ನು ಸರಿಪಡಿಸುವುದು ಹೇಗೆ? ಉಳಿದ ಎರಡು ಸ್ಟೀಮ್ ಆಟಗಳನ್ನೂ ಅಂಥದ್ದೇ ಇನ್ನೊಂದು ತಂತ್ರಾಂಶವಾದ ಎಪಿಕ್ ಗೇಮ್ಸ್‌ನ ಒಂದು ಆಟವನ್ನೂ ಸಾಗಿಸಲು ಸರಿಯಾದ ಕ್ರಮ ಯಾವುದು?

ಕೊನೆಯದಾಗಿ, ಸಿಡಿಯಿಂದ ಹಾಕಿಕೊಂಡ ಏಜ್ ಆಫ್ ಎಂಪೈರ್ಸ್ 2 ಕೂಡ ಇದೆ. ಆ ಸಿಡಿ ಗೀರು ಬಿದ್ದು ಹಾಳಾಗಿದೆ. ಅಣ್ಣನೂ ನಾನೂ ವರ್ಷಗಟ್ಟಲೆ ಆಡಿ ಉಳಿಸಿಟ್ಟ ಆಟಗಳು ಅದರಲ್ಲಿವೆ, ಅವು ಮಾತ್ರ ಕಳೆದುಹೋಗಬಾರದು.

ಕಡತಪಾಲಕ

ಮೊಟ್ಟಮೊದಲಿಗೆ ಒಂದು ಮಾತು: ಸದ್ಯಕ್ಕೆ ಆ ಆಟದ ಮೇಲೆ ವೆರಿಫೈ (ಆಟದ ಫೈಲ್‌ಗಳೆಲ್ಲ ಸರಿಯಾಗಿವೆಯೇ ಎಂದು ಸ್ಟೀಮ್ ಪರಿಶೀಲಿಸುವ ಆಯ್ಕೆ) ಅನ್ನು ಒತ್ತಬೇಡಿ. ಹಳೆಯ ಜಾಗದಲ್ಲಿ ಏನೂ ಇಲ್ಲದಿರುವುದರಿಂದ ಸ್ಟೀಮ್ ಇಡೀ ಆಟವೇ ಹಾಳಾಗಿದೆಯೆಂದು ತಿಳಿದು ಪೂರ್ತಿ ಡೌನ್‌ಲೋಡ್ ಆರಂಭಿಸುತ್ತದೆ. ನಿಮ್ಮ ಫೈಲ್‌ಗಳೆಲ್ಲ ಡಿ ಡ್ರೈವಿನಲ್ಲಿ ಕ್ಷೇಮವಾಗಿವೆ. ಅವು ಎಲ್ಲಿವೆ ಎಂಬ ದಾಖಲೆ ಮಾತ್ರ ಸಿ ಡ್ರೈವಿನಲ್ಲೇ ಉಳಿದುಕೊಂಡಿದೆ.

ಆ ದಾಖಲೆಯನ್ನು ನೀವೇ ತೆರೆದು ನೋಡಬಹುದು. ಸಿ ಡ್ರೈವಿನಲ್ಲಿ ಸ್ಟೀಮ್ ಇರುವ ಜಾಗದೊಳಗೆ ಸ್ಟೀಮ್‌ಆ್ಯಪ್ಸ್ ಎಂಬ ಫೋಲ್ಡರ್ ಇರುತ್ತದೆ. ಅದರಲ್ಲಿ ಆ್ಯಪ್‌ಮ್ಯಾನಿಫೆಸ್ಟ್ ಎಂದು ಆರಂಭವಾಗಿ, ಒಂದು ಸಂಖ್ಯೆಯನ್ನು ಹೊತ್ತು, ಎಸಿಎಫ್ ಎಂದು ಕೊನೆಗೊಳ್ಳುವ ಸಣ್ಣ ಫೈಲ್‌ಗಳು ಆಟಕ್ಕೊಂದರಂತೆ ಇರುತ್ತವೆ. ಕೌಂಟರ್ ಸ್ಟ್ರೈಕ್‌ನ ಸಂಖ್ಯೆ 730. ಆ ಫೈಲನ್ನು ನೋಟ್‌ಪ್ಯಾಡ್‌ನಲ್ಲಿ ತೆರೆದರೆ ಆಟದ ಹೆಸರು, ಅದು ಪೂರ್ತಿಯಾಗಿ ಇನ್‌ಸ್ಟಾಲ್ ಆಗಿದೆ ಎಂದು ಹೇಳುವ 4 ಎಂಬ ಅಂಕಿ, ಫೋಲ್ಡರಿನ ಹೆಸರು ಇವೆಲ್ಲ ಕಾಣುತ್ತವೆ. ಗಮನಿಸಿ, ಅಲ್ಲಿ ಫೋಲ್ಡರಿನ ಹೆಸರು ಇನ್ನೂ ಕೌಂಟರ್ ಸ್ಟ್ರೈಕ್ ಗ್ಲೋಬಲ್ ಅಫೆನ್ಸಿವ್ ಎಂದೇ ಇದೆ. 2023ರಲ್ಲಿ ಹೊಸ ಆಟ ಹಳೆಯದರ ಜಾಗಕ್ಕೆ ಬಂದರೂ ಫೋಲ್ಡರಿನ ಹೆಸರು ಬದಲಾಗಲಿಲ್ಲ. ಆದ್ದರಿಂದ ಹೆಸರು ತಪ್ಪಾಗಿದೆಯೆಂದು ಭಾವಿಸಿ ನೀವು ತಿದ್ದಲು ಹೋಗಬಾರದು.

ಈ ಫೈಲಿನೊಳಗೆ ಆಟ ಸಿ ಡ್ರೈವಿನಲ್ಲಿದೆ ಎಂದಾಗಲಿ ಡಿ ಡ್ರೈವಿನಲ್ಲಿದೆ ಎಂದಾಗಲಿ ಬರೆದಿರುವುದಿಲ್ಲ. ಫೈಲ್ ಯಾವ ಡ್ರೈವಿನ ಸ್ಟೀಮ್‌ಆ್ಯಪ್ಸ್ ಫೋಲ್ಡರಿನಲ್ಲಿ ಕುಳಿತಿದೆಯೋ, ಆಟವೂ ಅದೇ ಫೋಲ್ಡರಿನೊಳಗಿನ ಕಾಮನ್ ಎಂಬ ಜಾಗದಲ್ಲಿರಬೇಕೆಂದು ಸ್ಟೀಮ್ ನಂಬುತ್ತದೆ. ಹಾಗಾಗಿ ಆಟದ ಜೊತೆಗೆ ದಾಖಲೆಯನ್ನೂ ಸಾಗಿಸಿದರೆ ಕೆಲಸ ಮುಗಿಯಿತು.

ಸ್ಟೀಮ್‌ನ ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್‌ಗೆ ಹೋಗಿ ಡಿ ಡ್ರೈವನ್ನು ಸೇರಿಸಿ. ಆಗ ಅಲ್ಲಿ ಸ್ಟೀಮ್‌ಲೈಬ್ರರಿ ಎಂಬ ಫೋಲ್ಡರ್ ತಾನಾಗಿಯೇ ಹುಟ್ಟಿಕೊಳ್ಳುತ್ತದೆ. ಬಳಿಕ ಸ್ಟೀಮನ್ನು ಮೆನುವಿನ ಎಕ್ಸಿಟ್ ಮೂಲಕವೇ ಮುಚ್ಚಿ, ಏಕೆಂದರೆ ಮೂಲೆಯ ಗುಣಾಕಾರ ಚಿಹ್ನೆ ಒತ್ತಿದರೆ ಅದು ಹಿನ್ನೆಲೆಯಲ್ಲಿ ಓಡುತ್ತಲೇ ಇರುತ್ತದೆ. ನಂತರ ಗೇಮ್ಸ್‌ನಲ್ಲಿರುವ ಆಟದ ಫೋಲ್ಡರನ್ನು ಹೊಸ ಲೈಬ್ರರಿಯ ಸ್ಟೀಮ್‌ಆ್ಯಪ್ಸ್‌ನೊಳಗಿನ ಕಾಮನ್‌ಗೆ ಸರಿಸಿ. ಕಾಮನ್ ಇನ್ನೂ ಕಾಣದಿದ್ದರೆ ನೀವೇ ಮಾಡಿಕೊಳ್ಳಬಹುದು. ಎರಡೂ ಡಿ ಡ್ರೈವಿನಲ್ಲೇ ಇರುವುದರಿಂದ ಇದು ಕ್ಷಣಮಾತ್ರದ ಕೆಲಸ. ಸಿ ಡ್ರೈವಿನಲ್ಲಿರುವ 730ರ ಫೈಲನ್ನು ಡಿ ಡ್ರೈವಿನ ಸ್ಟೀಮ್‌ಆ್ಯಪ್ಸ್‌ಗೆ ತಂದಿಟ್ಟು ಸ್ಟೀಮನ್ನು ಮತ್ತೆ ತೆರೆಯಿರಿ. ವೆರಿಫೈ ಮಾಡಬೇಕಾದದ್ದು ಈಗ. ಈಗ ಮಾಡಿದರೆ ಅದು ಡಿಸ್ಕಿನಲ್ಲಿರುವುದನ್ನು ಓದಿ ನೋಡಿ, ಕೆಟ್ಟುಹೋದ ಫೈಲ್ ಇದ್ದರೆ ಅಷ್ಟನ್ನು ಮಾತ್ರ ಇಳಿಸಿಕೊಳ್ಳುತ್ತದೆ.

ಉಳಿದ ಎರಡು ಆಟಗಳಿಗೆ ಇಷ್ಟೆಲ್ಲ ಶ್ರಮ ಬೇಕಿಲ್ಲ. ಆಟದ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ನ ಇನ್‌ಸ್ಟಾಲ್ಡ್ ಫೈಲ್ಸ್ ವಿಭಾಗದಲ್ಲಿ ಮೂವ್ ಇನ್‌ಸ್ಟಾಲ್ ಫೋಲ್ಡರ್ ಆರಿಸಿಕೊಂಡರೆ ಸ್ಟೀಮ್ ತಾನೇ ಆಟವನ್ನೂ ದಾಖಲೆಯನ್ನೂ ಕೊಂಡೊಯ್ಯುತ್ತದೆ. ಚಾರ್ಜರ್ ಹಾಕಿಟ್ಟುಕೊಂಡು, ಲ್ಯಾಪ್‌ಟಾಪ್ ಸ್ಲೀಪ್‌ಗೆ ಹೋಗದಂತೆ ನೋಡಿಕೊಂಡು ಮಾಡಿ.

ರಾತ್ರಿಪಾಳಿ

ಕಡತಪಾಲಕರು ಹೇಳಿದ ಕ್ರಮವನ್ನೇ ನಾನೂ ಅನುಸರಿಸಿದ್ದೇನೆ, ತೊಂದರೆಯಾಗಿಲ್ಲ. ಎಪಿಕ್ ಬಗ್ಗೆ ನನಗೆ ತಿಳಿದದ್ದನ್ನು ಸೇರಿಸುತ್ತೇನೆ.

ಎಪಿಕ್‌ನಲ್ಲಿ ನಾನು ಬಹಳ ದಿನಗಳಿಂದ ಬಳಸುತ್ತಿರುವ ವಿಧಾನ ಸುತ್ತುಬಳಸಿನದ್ದಾದರೂ ನಂಬಬಹುದಾದದ್ದು. ಮೊದಲು ಆಟದ ಫೋಲ್ಡರನ್ನು ಡಿ ಡ್ರೈವಿನಲ್ಲಿ ಬೇರೆ ಹೆಸರಿನಲ್ಲಿ ಕಾಪಿ ಮಾಡಿಟ್ಟುಕೊಳ್ಳಿ. ಇಲ್ಲಿ ಕಟ್ ಮಾಡಲೇಬೇಡಿ. ಕಾಪಿ ಮುಗಿದ ಮೇಲೆ ಮೂಲ ಫೋಲ್ಡರಿನ ಮತ್ತು ಪ್ರತಿಯ ಪ್ರಾಪರ್ಟೀಸ್ ತೆರೆದು ಫೈಲ್‌ಗಳ ಸಂಖ್ಯೆಯೂ ಗಾತ್ರವೂ ಹೊಂದುತ್ತವೆಯೇ ಎಂದು ನೋಡಿಕೊಂಡ ನಂತರವೇ ಲಾಂಚರ್‌ನಿಂದ, ಅಂದರೆ ಎಪಿಕ್‌ನ ತಂತ್ರಾಂಶದಿಂದ, ಆಟವನ್ನು ಅನ್‌ಇನ್‌ಸ್ಟಾಲ್ ಮಾಡಿ. ಆಮೇಲೆ ಡಿ ಡ್ರೈವಿನಲ್ಲಿ ಹೊಸದಾಗಿ ಇನ್‌ಸ್ಟಾಲ್ ಆರಂಭಿಸಿ, ಶೇಕಡಾ 2 ಅಥವಾ 3ರಷ್ಟು ಆದೊಡನೆ ರದ್ದು ಮಾಡಿ ಲಾಂಚರನ್ನು ಪೂರ್ತಿ ಮುಚ್ಚಿ. ಕಾಪಿ ಮಾಡಿಟ್ಟಿದ್ದ ಫೈಲ್‌ಗಳನ್ನು ಹೊಸ ಫೋಲ್ಡರಿನೊಳಕ್ಕೆ ಹಾಕಿ, ಹಳೆಯದನ್ನು ಬದಲಿಸಬೇಕೇ ಎಂದು ಕೇಳಿದರೆ ಒಪ್ಪಿಕೊಳ್ಳಿ. ಲಾಂಚರ್ ತೆರೆದು ಇನ್‌ಸ್ಟಾಲ್ ಮುಂದುವರಿಸಿದರೆ ಅದು ಇರುವ ಫೈಲ್‌ಗಳನ್ನು ಪರಿಶೀಲಿಸಿ ಹೆಚ್ಚುಕಡಿಮೆ ಎಲ್ಲವನ್ನೂ ಸ್ವೀಕರಿಸುತ್ತದೆ. ಆ ಆರಂಭದ ಶೇಕಡಾ 2ಕ್ಕೂ ಡೇಟಾ ಬೇಕಾಗುವುದರಿಂದ ದಿನದ ಮಿತಿ ಹೊಸದಾಗಿ ಸಿಕ್ಕ ಹೊತ್ತಿನಲ್ಲಿ ಕೈಹಾಕಿ.

ಅನ್‌ಇನ್‌ಸ್ಟಾಲ್ ಮಾಡುವ ಮುನ್ನ ಉಳಿಸಿಟ್ಟ ಆಟಗಳ ಪ್ರತಿಯನ್ನು ತೆಗೆದಿಡುವುದನ್ನು ಮರೆಯಬೇಡಿ. ಬಹುತೇಕ ಹೊಸ ಆಟಗಳಲ್ಲಿ ಅವು ಆಟದ ಫೋಲ್ಡರಿನಲ್ಲಿ ಇರುವುದೇ ಇಲ್ಲ. ಡಾಕ್ಯುಮೆಂಟ್ಸ್‌ನೊಳಗಿನ ಮೈ ಗೇಮ್ಸ್‌ನಲ್ಲೋ, ಆ್ಯಪ್‌ಡೇಟಾದಲ್ಲೋ, ಸೇವ್ಡ್ ಗೇಮ್ಸ್‌ನಲ್ಲೋ ಇರುತ್ತವೆ. ನಾನೊಮ್ಮೆ ಇದನ್ನು ಲೆಕ್ಕಿಸದೆ ನೂರು ಗಂಟೆಗೂ ಮೀರಿ ಆಡಿದ್ದ ಒಂದು ಆಟವನ್ನು ಮೊದಲಿನಿಂದ ಶುರುಮಾಡಬೇಕಾಯಿತು. ಬೇಸರದಿಂದ ಆ ಆಟವನ್ನು ಮತ್ತೆ ಮುಗಿಸಲಾಗಲೇ ಇಲ್ಲ.

ಕಾಫಿತೋಟ

ಇಬ್ಬರಿಗೂ ಹೃತ್ಪೂರ್ವಕ ಧನ್ಯವಾದಗಳು. ಕೌಂಟರ್ ಸ್ಟ್ರೈಕ್ ಸರಿಯಾಯಿತು. ನೋಟ್‌ಪ್ಯಾಡ್‌ನಲ್ಲಿ ತೆರೆದು ನೋಡಿದಾಗ ನೀವು ಹೇಳಿದ 4 ಎಂಬ ಅಂಕಿ, ಹಳೆಯ ಹೆಸರು ಎರಡೂ ಕಂಡವು. ವೆರಿಫೈ ಮಾಡಿದಾಗ ಏನನ್ನೂ ಇಳಿಸಿಕೊಳ್ಳಲಿಲ್ಲ. ಇನ್ನೆರಡು ಆಟಗಳನ್ನು ಸ್ಟೀಮ್ ತಾನೇ ಸಾಗಿಸಿತು. ಎಪಿಕ್ ಆಟವನ್ನು ನಾಳೆ ನೋಡುತ್ತೇನೆ. ಸಿಡಿಯ ಆಟದ ಬಗ್ಗೆ ಯಾರಾದರೂ ತಿಳಿಸುವಿರಾ? ಅದನ್ನು ಮುಟ್ಟಲು ಇನ್ನೂ ಧೈರ್ಯ ಬಂದಿಲ್ಲ.

ಹಳೆಯಮುದ್ರಿಕೆ

ನೀವು ಮುಟ್ಟದೆ ಇದ್ದದ್ದೇ ಒಳ್ಳೆಯದಾಯಿತು. ಏಜ್ ಆಫ್ ಎಂಪೈರ್ಸ್ 2 ಬಂದದ್ದು 1999ರಲ್ಲಿ. ಆ ಕಾಲದ ಆಟಗಳು ತಾವು ಎಲ್ಲಿ ಇನ್‌ಸ್ಟಾಲ್ ಆಗಿದ್ದೇವೆಂಬುದನ್ನು ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನು ದಾಖಲಿಸಿಡುವ ರಿಜಿಸ್ಟ್ರಿಯಲ್ಲಿ ಬರೆದಿಟ್ಟುಕೊಳ್ಳುತ್ತವೆ, ಉಳಿಸಿಟ್ಟ ಆಟಗಳನ್ನು ತಮ್ಮ ಫೋಲ್ಡರಿನೊಳಗಿನ ಸೇವ್‌ಗೇಮ್ ಎಂಬಲ್ಲೇ ಇಡುತ್ತವೆ.

ಇಲ್ಲಿ ಹಲವರು ಎಡವುತ್ತಾರೆ. ವಿಸ್ಟಾ ಆವೃತ್ತಿ ಬಂದಾಗಿನಿಂದ ವಿಂಡೋಸ್, ಪ್ರೋಗ್ರಾಂ ಫೈಲ್ಸ್‌ನೊಳಗೆ ಹಳೆಯ ಪ್ರೋಗ್ರಾಂಗಳು ಬರೆಯದಂತೆ ತಡೆದು, ಅವು ಬರೆಯಲು ಹೋದದ್ದನ್ನು ಸದ್ದಿಲ್ಲದೆ ಬೇರೊಂದು ಕಡೆ ಇಡುತ್ತದೆ. ಅದು ನಿಮ್ಮ ಬಳಕೆದಾರ ಫೋಲ್ಡರಿನಲ್ಲಿ ಆ್ಯಪ್‌ಡೇಟಾ, ಅದರೊಳಗೆ ಲೋಕಲ್, ಅದರೊಳಗೆ ವರ್ಚುವಲ್‌ಸ್ಟೋರ್. ಹೀಗಾಗಿ ನೀವು ಆಟದ ಫೋಲ್ಡರನ್ನು ಮಾತ್ರ ಕೊಂಡೊಯ್ದರೆ ಅಣ್ಣನ ಜೊತೆ ಆಡಿದ್ದೆಲ್ಲ ವರ್ಚುವಲ್‌ಸ್ಟೋರ್‌ನಲ್ಲೇ ಉಳಿದು, ಹೊಸ ಜಾಗದಲ್ಲಿ ಪಟ್ಟಿ ಖಾಲಿಯಾಗಿ ಕಾಣಬಹುದು. ಮೊದಲು ಎರಡೂ ಕಡೆಯ ಸೇವ್‌ಗೇಮ್ ಫೋಲ್ಡರುಗಳನ್ನು ತೆರೆದು, ದಿನಾಂಕ ನೋಡಿ, ಎರಡನ್ನೂ ಪೆನ್‌ಡ್ರೈವ್‌ಗೆ ಬೇರೆ ಬೇರೆಯಾಗಿ ಕಾಪಿ ಮಾಡಿಕೊಳ್ಳಿ. ಆ್ಯಪ್‌ಡೇಟಾ ಮರೆಯಾಗಿರುವುದರಿಂದ ಎಕ್ಸ್‌ಪ್ಲೋರರ್‌ನಲ್ಲಿ ಹಿಡನ್ ಐಟಮ್ಸ್ ತೋರಿಸುವಂತೆ ಮಾಡಬೇಕಾಗುತ್ತದೆ.

ರಿಜಿಸ್ಟ್ರಿಯನ್ನು ಕೈಯಾರೆ ತಿದ್ದುವುದು ಸಾಧ್ಯವಿದ್ದರೂ, ಸಿಡಿ ಹಾಳಾಗಿರುವ ನಿಮಗೆ ನಾನು ಅದನ್ನು ಹೇಳಲಾರೆ. ಅದಕ್ಕಿಂತ ಸುರಕ್ಷಿತವಾದದ್ದು ಜಂಕ್ಷನ್, ಅಂದರೆ ಒಂದು ಫೋಲ್ಡರಿನ ವಿಳಾಸಕ್ಕೆ ಬಂದದ್ದನ್ನು ಇನ್ನೊಂದು ಜಾಗದ ಫೋಲ್ಡರಿಗೆ ಕಳುಹಿಸುವ ಕೊಂಡಿ. ಆಟದ ಫೋಲ್ಡರನ್ನು ಡಿ ಡ್ರೈವ್‌ಗೆ ಕಾಪಿ ಮಾಡಿ, ಸಿ ಡ್ರೈವಿನಲ್ಲಿರುವ ಮೂಲ ಫೋಲ್ಡರಿನ ಹೆಸರಿಗೆ ಹಳೆಯದು ಎಂದೇನಾದರೂ ಸೇರಿಸಿ ಬದಲಿಸಿ. ಕಮಾಂಡ್ ಪ್ರಾಂಪ್ಟನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದು ಎಂಕೆಲಿಂಕ್ ಎಂಬ ಆದೇಶವನ್ನು ಬರೆದು, ಮುಂದೆ ಓರೆಗೆರೆಯೊಡನೆ ಜೆ ಅಕ್ಷರವನ್ನು ಹಾಕಿ. ಆಮೇಲೆ ಮೊದಲು ಸಿ ಡ್ರೈವಿನ ಮೂಲ ವಿಳಾಸವನ್ನೂ ಅನಂತರ ಡಿ ಡ್ರೈವಿನ ಹೊಸ ವಿಳಾಸವನ್ನೂ ಉದ್ಧರಣ ಚಿಹ್ನೆಗಳೊಳಗೆ ಬರೆಯಿರಿ. ಈ ಕ್ರಮ ತಿರುವುಮುರುವಾದರೆ ಆದೇಶ ನಡೆಯುವುದಿಲ್ಲ. ಯಶಸ್ವಿಯಾದರೆ ಹಳೆಯ ಜಾಗದಲ್ಲಿ ಅದೇ ಹೆಸರಿನ ಫೋಲ್ಡರ್ ಬಾಣದ ಗುರುತಿನೊಡನೆ ಕಾಣುತ್ತದೆ. ಆಟ ತಾನಿನ್ನೂ ಸಿ ಡ್ರೈವಿನಲ್ಲಿದ್ದೇನೆಂದೇ ತಿಳಿಯುತ್ತದೆ, ಜಾಗ ಹಿಡಿಯುವುದು ಮಾತ್ರ ಡಿ ಡ್ರೈವಿನಲ್ಲಿ. ಇದಕ್ಕೆ ಸಿ ಡ್ರೈವ್ ಎನ್‌ಟಿಎಫ್‌ಎಸ್ ಎಂಬ ಫೈಲ್ ವ್ಯವಸ್ಥೆಯಲ್ಲಿ ಫಾರ್ಮ್ಯಾಟ್ ಆಗಿರಬೇಕು. ವಿಂಡೋಸ್ ಇರುವ ಡ್ರೈವ್ ಸಾಮಾನ್ಯವಾಗಿ ಹಾಗೆಯೇ ಇರುತ್ತದೆ.

ಹೆಸರು ಬದಲಿಸಿಟ್ಟ ಹಳೆಯ ಫೋಲ್ಡರನ್ನು ತಕ್ಷಣ ಅಳಿಸಬೇಡಿ. ಆಟ ತೆರೆದು, ಹಳೆಯದೊಂದು ಸೇವ್ ಲೋಡ್ ಮಾಡಿ, ಹೊಸದಾಗಿ ಒಂದು ಸೇವ್ ಮಾಡಿ, ಲ್ಯಾಪ್‌ಟಾಪ್ ರೀಸ್ಟಾರ್ಟ್ ಮಾಡಿದ ಮೇಲೂ ಆ ಎರಡು ಕಂಡರೆ ಆಗ ಅಳಿಸಿ. ಹಾಗೆ ನೋಡಿದರೆ ಈ ಆಟ 1 ಜಿಬಿಯನ್ನೂ ಮುಟ್ಟದು; ಜಾಗದ ಒತ್ತಡ ಈಗ ನೀಗಿರುವುದರಿಂದ ಇದನ್ನು ಸಿ ಡ್ರೈವಿನಲ್ಲೇ ಬಿಟ್ಟು, ಸೇವ್‌ಗಳ ಪ್ರತಿಯನ್ನಷ್ಟೇ ತೆಗೆದಿಟ್ಟುಕೊಳ್ಳುವುದು ನನ್ನ ಮಟ್ಟಿಗೆ ಹೆಚ್ಚು ಸರಿಯೆನಿಸುತ್ತದೆ.

ಕಾಫಿತೋಟ

ನಿಮ್ಮ ಕೊನೆಯ ಸಲಹೆಯನ್ನೇ ಪಾಲಿಸಿದೆ, ಸರ್. ಆಟವನ್ನು ಅಲ್ಲೇ ಬಿಟ್ಟಿದ್ದೇನೆ. ಆಟದ ಫೋಲ್ಡರಿನೊಳಗಿನ ಸೇವ್‌ಗೇಮ್‌ನಲ್ಲಿ ಒಂದೂ ಫೈಲ್ ಇರಲಿಲ್ಲ. ವರ್ಚುವಲ್‌ಸ್ಟೋರ್‌ನಲ್ಲಿ 41 ಇದ್ದವು, ಅರ್ಧಕ್ಕರ್ಧ ಅಣ್ಣನ ಹೆಸರಿನಲ್ಲೇ. ಅವನ್ನು ಪೆನ್‌ಡ್ರೈವ್‌ಗೆ ಹಾಕಿ, ಇನ್ನೊಂದು ಪ್ರತಿಯನ್ನು ಅಣ್ಣನಿಗೂ ಕಳುಹಿಸಿದ್ದೇನೆ. ಎಪಿಕ್ ಆಟ ಇವತ್ತು ಬೆಳಿಗ್ಗೆ ಡಿ ಡ್ರೈವ್ ಸೇರಿತು, ವಿಂಡೋಸ್ ಅಪ್‌ಡೇಟ್ ಈಗ ನಡೆಯುತ್ತಿದೆ.