ಅಮರ್ ಕನ್ವರ್ ಸಾಕ್ಷ್ಯಚಿತ್ರ ಬಿಟ್ಟು ಗ್ಯಾಲರಿ ಸೇರಿದರೇ?

ಪ್ರಶ್ನೆ:
ವಾಘಾ ಗಡಿಯಲ್ಲಿ ದಿನವೂ ಸಂಜೆ ನಡೆಯುವ ಕವಾಯತಿನಿಂದ ಹೊರಟು ಹಿಂಸೆಯನ್ನು ಕುರಿತು ಧ್ಯಾನಿಸುವ ‘ಎ ಸೀಸನ್ ಔಟ್‌ಸೈಡ್’ (1997) ಎಂಬ ಅರ್ಧ ಗಂಟೆಯ ಸಾಕ್ಷ್ಯಚಿತ್ರವನ್ನು ಈಚೆಗೆ ನೋಡಿದೆ. ಅದರ ನಿರ್ದೇಶಕ ಅಮರ್ ಕನ್ವರ್ ಅವರ ಆಮೇಲಿನ ಕೆಲಸವೆಲ್ಲ ಹೆಚ್ಚಾಗಿ ಕಲಾಪ್ರದರ್ಶನಗಳಲ್ಲೇ ಕಾಣಿಸಿಕೊಂಡಿದೆ. ಕಲ್ಲಿದ್ದಲು ಗಣಿ ಪ್ರದೇಶದಲ್ಲಿ ಕಾರ್ಮಿಕರ ಆರೋಗ್ಯದ ಸಂಶೋಧನೆ ಮಾಡಿದ್ದವರು ಮ್ಯೂಸಿಯಂ ಸೇರಿಕೊಂಡದ್ದನ್ನು ಹೇಗೆ ಅರ್ಥಮಾಡಿಕೊಳ್ಳಬೇಕು?

ಉತ್ತರ 1:
ಜರ್ಮನಿಯ ಕಾಸೆಲ್‌ನಲ್ಲಿ ಐದು ವರ್ಷಕ್ಕೊಮ್ಮೆ ನಡೆಯುವ ಡಾಕ್ಯುಮೆಂಟಾ ಪ್ರದರ್ಶನಕ್ಕೆ ಅವರು 2002ರಿಂದ 2017ರವರೆಗೆ ಸತತವಾಗಿ ನಾಲ್ಕು ಬಾರಿ ಆಹ್ವಾನಿತರಾದರು, ನಿಜ. ಆದರೆ ಮೂಲವನ್ನು ಹುಡುಕಬೇಕಾದದ್ದು 1984ರಲ್ಲಿ ಎಂದು ನನಗನ್ನಿಸುತ್ತದೆ. ಅವರು ದೆಹಲಿಯಲ್ಲಿ ವಿದ್ಯಾರ್ಥಿಯಾಗಿದ್ದ ಆ ವರ್ಷವೇ ಸಿಖ್ಖರ ಹತ್ಯಾಕಾಂಡವೂ ಭೋಪಾಲದ ಅನಿಲ ದುರಂತವೂ ನಡೆದವು. ಎಲ್ಲರ ಕಣ್ಣೆದುರು ಘಟಿಸಿದ್ದೂ ನ್ಯಾಯಾಲಯದಲ್ಲಿ ಪುರಾವೆಯಾಗಿ ನಿಲ್ಲದೆ ಹೋಗಬಹುದು ಎಂಬುದನ್ನು ಆ ತಲೆಮಾರು ಕಂಡುಕೊಂಡಿತು. ಯಾವುದು ಸಾಕ್ಷ್ಯ, ಅದನ್ನು ಯಾರು ಒಪ್ಪಬೇಕು ಎಂಬ ಪ್ರಶ್ನೆ ಅಲ್ಲಿಂದ ಅವರನ್ನು ಬಿಟ್ಟಂತಿಲ್ಲ.

ಉತ್ತರ 2:
ಬರ್ಮಾ ಕುರಿತ ‘ದಿ ಟಾರ್ನ್ ಫಸ್ಟ್ ಪೇಜಸ್’ ಇದಕ್ಕೆ ಒಳ್ಳೆಯ ಉದಾಹರಣೆ. ಪ್ರತಿ ಪುಸ್ತಕದ ಮೊದಲ ಪುಟದಲ್ಲೂ ಸೇನಾಡಳಿತದ ಘೋಷಣೆಗಳನ್ನು ಅಚ್ಚು ಮಾಡಬೇಕಾಗಿದ್ದ ಕಾಲದಲ್ಲಿ, ಮಾಂಡಲೆಯ ಪುಸ್ತಕ ವ್ಯಾಪಾರಿ ಕೋ ಥಾನ್ ಹ್ಟೇ ಆ ಪುಟವನ್ನು ಹರಿದು ಮಾರುತ್ತಿದ್ದರು, ಅದಕ್ಕಾಗಿ ಜೈಲಿಗೂ ಹೋದರು. ಅವರ ಗೌರವಾರ್ಥ ರೂಪಿಸಿದ ಈ ಕೃತಿಯಲ್ಲಿ ಹತ್ತೊಂಬತ್ತು ದೃಶ್ಯಧಾರೆಗಳು ಪರದೆಯ ಮೇಲಲ್ಲ, ಕಾಗದದ ಹಾಳೆಗಳ ಮೇಲೆ ಮೂಡುತ್ತವೆ. ಒಂದೇ ಪರದೆಯ ಚಿತ್ರವಾಗಿದ್ದರೆ ಆ ಹರಿದ ಪುಟಗಳು ಬರೀ ಮಾತಾಗಿ ಉಳಿಯುತ್ತಿದ್ದವು.

ಉತ್ತರ 3:
ಕಲಾತ್ಮಕ ಸಮರ್ಥನೆಯನ್ನು ಒಪ್ಪುತ್ತೇನೆ, ಆದರೂ ಅನುಮಾನ ಪೂರ್ತಿ ಹೋಗುವುದಿಲ್ಲ. ಸಾಕ್ಷ್ಯಚಿತ್ರವನ್ನು ಪೆನ್ ಡ್ರೈವಿನಲ್ಲಿ ಒಯ್ದು ಹಳ್ಳಿಯ ಶಾಲೆಯ ಗೋಡೆಯ ಮೇಲೆ ತೋರಿಸಬಹುದು. ಉಪಖಂಡದ ಹೆಣ್ಣುಮಕ್ಕಳ ಮೇಲಿನ ಲೈಂಗಿಕ ಹಿಂಸೆಯ ನೆನಪುಗಳನ್ನು ಎಂಟು ಪ್ರೊಜೆಕ್ಷನ್‌ಗಳಲ್ಲಿ ಏಕಕಾಲಕ್ಕೆ ಕಾಣಿಸುವ ‘ದಿ ಲೈಟ್ನಿಂಗ್ ಟೆಸ್ಟಿಮನೀಸ್’ (2007) ಕೃತಿಯನ್ನು ಹಾಗೆ ಒಯ್ಯಲಾದೀತೇ?

ಉತ್ತರ 4:
ಅದನ್ನು ಒಯ್ಯುವುದು ಕಷ್ಟವೇ. ಆದರೆ ಒಡಿಶಾದ ಗಣಿಗಾರಿಕೆ ಮತ್ತು ಭೂಸ್ವಾಧೀನವನ್ನು ಕುರಿತ ‘ದಿ ಸಾವರಿನ್ ಫಾರೆಸ್ಟ್’ ಅನ್ನು ಅವರು ಕಾಸೆಲ್‌ನಲ್ಲಿ ಮಾತ್ರ ತೋರಿಸಲಿಲ್ಲ. 2012ರ ಆಗಸ್ಟ್ 15ರಂದು ಭುವನೇಶ್ವರದಲ್ಲಿ, ‘ಸಮದೃಷ್ಟಿ’ ಎಂಬ ಮಾಧ್ಯಮ ಸಂಸ್ಥೆಯ ಆವರಣದಲ್ಲೇ ಅದನ್ನು ಸಾರ್ವಜನಿಕರಿಗೆ ತೆರೆದಿಟ್ಟರು. ಅದರೊಳಗಿನ ಚಿತ್ರವೊಂದರ ಬಹುತೇಕ ದೃಶ್ಯಗಳು ಕೈಗಾರಿಕೆಗೆ ಗುರುತಿಸಲಾದ ನೆಲದಲ್ಲಿಯೇ ತೆಗೆದವು. ಜೊತೆಗೆ ಕೈಕಾಗದದ ಪುಸ್ತಕಗಳಿವೆ, 250ಕ್ಕೂ ಹೆಚ್ಚು ಬಗೆಯ ನಾಟಿ ಭತ್ತದ ಬೀಜಗಳಿವೆ. ನೋಡಲು ಬಂದವರು ತಮ್ಮಲ್ಲಿರುವ ಪುರಾವೆಯನ್ನು ತಂದು ಅದಕ್ಕೆ ಸೇರಿಸಲೂ ಅವಕಾಶವಿತ್ತು.