ಮನೆಯಲ್ಲಿರುವ ಟ್ರಕಿಯಾಸ್ಟಮಿ ರೋಗಿ: ಕಫ್‌ಗೆ ಗಾಳಿ ಎಷ್ಟು, ಅಳೆಯುವುದು ಹೇಗೆ?

ಪ್ರಶ್ನೆ: ಬದಿಯಡ್ಕ ಹೋಂ ಕೇರ್

ನಮಸ್ಕಾರ. ಬದಿಯಡ್ಕದ ಹತ್ತಿರ ಮನೆಯಲ್ಲಿ ನೋಡಿಕೊಳ್ಳುತ್ತಿರುವ ಒಬ್ಬ ರೋಗಿಯ ಬಗ್ಗೆ ಕೇಳಬೇಕಿತ್ತು. ಪಾರ್ಶ್ವವಾಯು ಆದವರು, ಟ್ರಕಿಯಾಸ್ಟಮಿ (ಉಸಿರಾಟಕ್ಕೆ ಕತ್ತಿನ ಮುಂಭಾಗದಿಂದ ಶ್ವಾಸನಾಳಕ್ಕೆ ತೂತು ಮಾಡಿ ಟ್ಯೂಬ್ ಹಾಕುವುದು) ಮಾಡಿದ್ದಾರೆ. 8ನೇ ನಂಬರಿನ ಪಿವಿಸಿ ಟ್ಯೂಬ್, ಅದಕ್ಕೆ ಕಫ್ (ಶ್ವಾಸನಾಳದೊಳಗೆ ಟ್ಯೂಬಿನ ಸುತ್ತ ಗಾಳಿ ತುಂಬುವ ಬಲೂನ್) ಉಂಟು. ರಾತ್ರಿ ವೆಂಟಿಲೇಟರ್, ಹಗಲು ಸ್ವಂತ ಉಸಿರಾಟ, ಆಹಾರ ಮೂಗಿನ ಟ್ಯೂಬಿನಲ್ಲಿ. ಡಿಸ್ಚಾರ್ಜ್ ಚೀಟಿಯಲ್ಲಿ ಕಫ್ ವಿಷಯಕ್ಕೆ "6 ಎಂ.ಎಲ್. ಗಾಳಿ" ಅಂತ ಒಂದೇ ಸಾಲು ಉಂಟು.

ಈಗ ರಾತ್ರಿ ಗಂಟಲಲ್ಲಿ ಗೊರಗೊರ ಸದ್ದು, ವೆಂಟಿಲೇಟರಿನಲ್ಲಿ ಲೋ ವಾಲ್ಯೂಮ್ (ಉಸಿರಿನ ಗಾಳಿ ಸಾಲದು ಅನ್ನುವ) ಅಲಾರಂ. ಇನ್ನೆರಡು ಎಂ.ಎಲ್. ಗಾಳಿ ಸೇರಿಸಿದರೆ ಆದೀತಾ? ಕಫ್ ಗೇಜ್ (ಕಫ್‌ನ ಒತ್ತಡ ಅಳೆಯುವ ಉಪಕರಣ) ಇಲ್ಲ, ಪೈಲಟ್ ಬಲೂನನ್ನು (ಕಫ್‌ಗೆ ಸೇರಿದ, ಹೊರಗೆ ಇರುವ ಸಣ್ಣ ಬಲೂನ್) ಬೆರಳಲ್ಲಿ ಒತ್ತಿ ನೋಡುತ್ತೇವೆ, ಅಷ್ಟು ಸಾಕಾ? ಗಂಟೆಗೊಮ್ಮೆ ಐದು ನಿಮಿಷ ಗಾಳಿ ತೆಗೆದಿಡಬೇಕು ಅಂತ ಯಾರೋ ಮನೆಯವರಿಗೆ ಹೇಳಿದ್ದಾರೆ, ಅದು ಸರಿಯಾ? ಹಗಲು ವೆಂಟಿಲೇಟರ್ ಇಲ್ಲದಾಗಲೂ ಕಫ್ ಉಬ್ಬಿಸಿಯೇ ಇಡಬೇಕಾ?

ಉತ್ತರ 1: ಪಯಸ್ವಿನಿ, ರೆಸ್ಪಿರೇಟರಿ ಥೆರಪಿ

ಸಿಸ್ಟರ್, ಎಂ.ಎಲ್. ಲೆಕ್ಕವನ್ನು ಮೊದಲು ಬಿಟ್ಟುಬಿಡಿ. ಕಫ್‌ಗೆ ಬೇಕಾದದ್ದು ಒತ್ತಡದ ಲೆಕ್ಕ. ಒಬ್ಬರ ಶ್ವಾಸನಾಳದಲ್ಲಿ 6 ಎಂ.ಎಲ್. ಸಡಿಲವಾದರೆ ಇನ್ನೊಬ್ಬರಲ್ಲಿ ಅದೇ 6 ಅತಿಯಾಗುತ್ತದೆ. ದೊಡ್ಡವರಲ್ಲಿ ಒತ್ತಡ 20ರಿಂದ 30 ಸೆಂ.ಮೀ. ನೀರು (ಇದು ಒತ್ತಡದ ಒಂದು ಅಳತೆ), ಅಷ್ಟರ ಒಳಗೆ ಇರಬೇಕು. 25ರ ಆಸುಪಾಸಿನಲ್ಲಿ ಇಟ್ಟರೆ ಎರಡೂ ಕಡೆ ಸ್ವಲ್ಪ ಜಾಗ ಸಿಗುತ್ತದೆ.

ಮೇಲಿನ ಮಿತಿ ಯಾಕೆ ಅಂದರೆ, ಕಫ್ ಒತ್ತಿದ ಜಾಗದಲ್ಲಿ ಶ್ವಾಸನಾಳದ ಒಳಪದರಕ್ಕೆ ರಕ್ತ ಹೋಗಬೇಕಲ್ಲ. ಸೀಗೊಬಿನ್ ಮತ್ತು ವ್ಯಾನ್ ಹ್ಯಾಸೆಲ್ಟ್ 1984ರಲ್ಲಿ ಎಂಡೋಸ್ಕೋಪ್ ಹಾಕಿ ನೋಡಿದಾಗ, 30 ದಾಟಿದರೆ ಒಳಪದರ ಬಿಳಿಚಿಕೊಳ್ಳಲು ಶುರುವಾಗುವುದೂ 50ಕ್ಕೆ ರಕ್ತಸಂಚಾರ ಪೂರ್ತಿ ನಿಲ್ಲುವುದೂ ಕಂಡಿತ್ತು. ಹಾಗೇ ಬಿಟ್ಟರೆ ಹುಣ್ಣಾಗಿ ಮೃದ್ವಸ್ಥಿ ಹೊರಬೀಳುತ್ತದೆ, ಆಮೇಲೆ ಗಾಯ ಮಾಯುವಾಗ ನಾಳ ಕುಗ್ಗುತ್ತದೆ. ಟ್ಯೂಬ್ ತೆಗೆದು ವಾರ, ತಿಂಗಳು ಕಳೆದ ಮೇಲೆ ಉಸಿರಿಗೆ ಸೀಟಿಯಂಥ ಸದ್ದು ಬರುವುದು ಇದರಿಂದಲೇ. ಹಿಂದಿನ ಗೋಡೆ ಸವೆದರೆ ಅನ್ನನಾಳಕ್ಕೆ ತೂತು ಬೀಳುತ್ತದೆ. ಮೂಗಿನ ಟ್ಯೂಬ್ ಇರುವವರಲ್ಲಿ ಆ ಅಪಾಯ ಹೆಚ್ಚು, ಯಾಕೆಂದರೆ ಮುಂದೆ ಕಫ್, ಹಿಂದೆ ಆಹಾರದ ಟ್ಯೂಬ್, ನಡುವೆ ಸಿಕ್ಕಿಕೊಂಡ ತೆಳು ಗೋಡೆ. ಇನ್ನು 20ಕ್ಕಿಂತ ಕೆಳಗೆ ಇಳಿದರೆ ಕಫ್ ಮೇಲೆ ನಿಂತ ಎಂಜಲು ಅದರ ಮಡಿಕೆಗಳ ಸಂದಿನಿಂದ ಜಾರಿ ಶ್ವಾಸಕೋಶಕ್ಕೆ ಇಳಿಯುತ್ತದೆ, ನ್ಯುಮೋನಿಯಾಕ್ಕೆ ದಾರಿ ಆಗುತ್ತದೆ.

ಬೆರಳಿನ ಅಂದಾಜು ಸಾಲದು, ಅನುಭವ ಎಷ್ಟಿದ್ದರೂ. ಪೈಲಟ್ ಬಲೂನ್ ಒತ್ತಿದರೆ ಕಫ್‌ನಲ್ಲಿ ಗಾಳಿ ಉಂಟಾ ಇಲ್ಲವಾ ಅನ್ನುವುದು ತಿಳಿಯುತ್ತದೆ. 25 ಮತ್ತು 60ರ ನಡುವಿನ ವ್ಯತ್ಯಾಸ ಬೆರಳಿಗೆ ಸಿಗುವುದಿಲ್ಲ.

ಗಂಟೆಗೊಮ್ಮೆ ಗಾಳಿ ತೆಗೆಯುವುದು ಕೆಂಪು ರಬ್ಬರ್ ಟ್ಯೂಬಿನ ಕಾಲದ ಕ್ರಮ. ಆ ಕಫ್‌ಗಳು ಸಣ್ಣವು, ಒತ್ತಡ ಜಾಸ್ತಿ. ಈಗಿನ ಪಿವಿಸಿ ಕಫ್ ಅಗಲ, ಒತ್ತಡ ಕಡಿಮೆ. ಗಂಟೆಗೊಮ್ಮೆ ತೆಗೆದರೆ ಪ್ರತಿ ಸಲ ಮೇಲೆ ನಿಂತ ಎಂಜಲನ್ನು ಕೆಳಗೆ ಬಿಟ್ಟ ಹಾಗೆ. ಅದನ್ನು ದಯವಿಟ್ಟು ಇವತ್ತೇ ನಿಲ್ಲಿಸಿ. ಅದರ ಬದಲು ಎಂಟು ಗಂಟೆಗೊಮ್ಮೆ ಒತ್ತಡ ಅಳೆಯಿರಿ. ಮಗ್ಗುಲು ಬದಲಿಸಿದ ಮೇಲೆ, ಜೋರು ಕೆಮ್ಮಿದ ಮೇಲೆ, ಗಾಡಿಯಲ್ಲಿ ಕರೆದೊಯ್ದ ಮೇಲೆ ಇನ್ನೊಮ್ಮೆ.

ಉತ್ತರ 2: ಕುಂಬಳೆ ಐಸಿಯು ನರ್ಸ್

ಗೇಜ್ ತರಿಸಿಕೊಳ್ಳುವುದೇ ಸರಿ. ನಿಮ್ಮ ಪಾಲಿಯೇಟಿವ್ ಘಟಕದಲ್ಲಿ ಕೇಳಿ ನೋಡಿ, ಒಂದೇ ಗೇಜ್ ಹಲವು ಮನೆಗೆ ಆಗುತ್ತದೆ, ಜೋಡಿಸುವ ಟ್ಯೂಬ್ ಮಾತ್ರ ಒಬ್ಬೊಬ್ಬರಿಗೆ ಬೇರೆ ಇಟ್ಟುಕೊಳ್ಳಿ. ಅದು ಬರುವವರೆಗೆ ಮುಳ್ಳಿನ ಬಿ.ಪಿ. ಗೇಜ್ ಮತ್ತು ಒಂದು ತ್ರೀವೇ (ಮೂರು ಬಾಯಿಯ ಸಣ್ಣ ನಲ್ಲಿ) ಸಾಕು. ತ್ರೀವೇಯ ಒಂದು ಬಾಯಿಗೆ 10 ಎಂ.ಎಲ್. ಸಿರಿಂಜ್, ಇನ್ನೊಂದಕ್ಕೆ ಗೇಜಿನ ಟ್ಯೂಬ್, ಮೂರನೆಯದು ಪೈಲಟ್ ಬಲೂನಿನ ವಾಲ್ವ್‌ಗೆ. ಬಲೂನ್ ಕಡೆ ಮುಚ್ಚಿಟ್ಟು ಮೊದಲು ಸಿರಿಂಜಿನಿಂದ ಗೇಜಿನ ಮುಳ್ಳನ್ನು 20ಕ್ಕೆ ತನ್ನಿ, ಆಮೇಲೆ ಮೂರೂ ಬಾಯಿ ತೆರೆಯಿರಿ. ಹಾಗೆ ಮಾಡದೆ ನೇರ ಜೋಡಿಸಿದರೆ ಕಫ್‌ನ ಗಾಳಿ ಖಾಲಿ ಗೇಜ್ ಟ್ಯೂಬಿಗೆ ಹೋಗಿ, ಅಳೆಯುವುದರಲ್ಲೇ ಕಫ್ ಸಡಿಲವಾಗುತ್ತದೆ. ಮುಳ್ಳು ನಿಂತ ಮೇಲೆ ಸಿರಿಂಜಿನಲ್ಲಿ ಹೆಚ್ಚು ಕಡಿಮೆ ಮಾಡಿ, ಬಲೂನ್ ಕಡೆ ಮುಚ್ಚಿ, ಕಳಚಿ.

ಇಲ್ಲಿ ತಪ್ಪಾಗುವುದು ಅಳತೆಯ ಲೆಕ್ಕದಲ್ಲಿ. ಬಿ.ಪಿ. ಗೇಜ್ ತೋರಿಸುವುದು ಪಾದರಸದ ಮಿ.ಮೀ. ಒಂದು ಮಿ.ಮೀ. ಪಾದರಸ ಅಂದರೆ 1.36 ಸೆಂ.ಮೀ. ನೀರು. ಹಾಗಾಗಿ ನಮಗೆ ಬೇಕಾದ 20–30 ಅಲ್ಲಿ 15–22 ಆಗುತ್ತದೆ. ಮುಳ್ಳು 20ರ ಗೆರೆಯಲ್ಲಿ ನಿಂತರೆ 27 ಸೆಂ.ಮೀ. ನೀರು, ಸರಿ. ಕಫ್ ಗೇಜಿನ ನೆನಪಿನಲ್ಲಿ 25ಕ್ಕೆ ತಂದರೆ 34 ಆಯಿತು, ಮಿತಿ ದಾಟಿತು. ಶುರು ಮಾಡುವ ಮೊದಲು ಮುಳ್ಳು ಸೊನ್ನೆಯಲ್ಲಿ ಉಂಟಾ ನೋಡಿ.

ಏನೂ ಸಿಗದಿದ್ದರೆ ಸ್ಟೆತಸ್ಕೋಪ್. ವೆಂಟಿಲೇಟರಿನಲ್ಲಿ ಇರುವಾಗ ಕತ್ತಿನ ಮೇಲೆ, ಟ್ಯೂಬಿನ ಪಕ್ಕದಲ್ಲಿ ಇಟ್ಟು ಕೇಳುತ್ತಾ ಅರ್ಧರ್ಧ ಎಂ.ಎಲ್. ಗಾಳಿ ಕೊಡಿ. ಉಸಿರು ಒಳಗೆ ತಳ್ಳುವಾಗಿನ ಸೋರಿಕೆಯ ಸದ್ದು ಎಲ್ಲಿ ನಿಂತಿತೋ ಅಲ್ಲಿಗೆ ನಿಲ್ಲಿಸಿ. ಇದರಿಂದ ಸೋರಿಕೆ ನಿಂತದ್ದು ಗೊತ್ತಾಗುತ್ತದೆ, ಒತ್ತಡ ಎಷ್ಟಾಯಿತು ಅಂತ ಗೊತ್ತಾಗುವುದಿಲ್ಲ. ಆದ್ದರಿಂದ ಒಂದೆರಡು ದಿನದ ಮಟ್ಟಿಗೆ ಮಾತ್ರ.

ಇನ್ನೊಂದು, ಸಿರಿಂಜನ್ನು ವಾಲ್ವ್‌ನಲ್ಲೇ ಸಿಕ್ಕಿಸಿ ಬಿಡಬೇಡಿ. ಅದು ಇರುವಷ್ಟು ಹೊತ್ತು ವಾಲ್ವ್ ತೆರೆದೇ ಇರುತ್ತದೆ.

ಉತ್ತರ 3: ಪೈವಳಿಕೆ, ಇಎನ್‌ಟಿ

ರಾತ್ರಿಯ ಸೋರಿಕೆಗೆ ಬರುತ್ತೇನೆ. "ಇನ್ನೆರಡು ಎಂ.ಎಲ್." ಅನ್ನುವುದು ಕೊನೆಗೆ ಯೋಚಿಸಬೇಕಾದ ವಿಷಯ. ಮೊದಲು ಟ್ಯೂಬ್ ನೋಡಿ. ಕತ್ತಿನ ಪಟ್ಟಿ ಸಡಿಲವಾಗಿದೆಯೇ, ಫ್ಲೇಂಜ್ (ಕತ್ತಿನ ಮೇಲೆ ಕೂರುವ ಟ್ಯೂಬಿನ ರೆಕ್ಕೆ) ಚರ್ಮದಿಂದ ಮೇಲೆದ್ದಿದೆಯೇ? ಹಗಲು ಸರಿ ಇದ್ದು ರಾತ್ರಿ ಮಾತ್ರ ತೊಂದರೆ ಅಂದರೆ ವೆಂಟಿಲೇಟರಿನ ಪೈಪಿನ ಭಾರ ಟ್ಯೂಬನ್ನು ಒಂದು ಕಡೆಗೆ ಜಗ್ಗುತ್ತಿರಬಹುದು. ಪೈಪಿಗೆ ಬೇರೆ ಆಧಾರ ಕೊಟ್ಟು, ಪಟ್ಟಿಯೊಳಗೆ ಒಂದು ಬೆರಳು ಮಾತ್ರ ಹೋಗುವಷ್ಟು ಬಿಗಿ ಮಾಡಿ. ಎಷ್ಟೋ ಸಲ ಇಷ್ಟರಲ್ಲೇ ಮುಗಿಯುತ್ತದೆ. ಟ್ಯೂಬ್ ಅರ್ಧ ಹೊರಬಂದಿದ್ದರೆ ಮಾತ್ರ ಬಲವಂತವಾಗಿ ಒಳಗೆ ತಳ್ಳಬೇಡಿ, ಶ್ವಾಸನಾಳ ಬಿಟ್ಟು ಸುಳ್ಳು ದಾರಿ ಹಿಡಿಯುತ್ತದೆ.

ಟ್ಯೂಬ್ ಸರಿಯಾಗಿದ್ದರೆ ಕಫ್ ಅನ್ನು 25ಕ್ಕೆ ತಂದು ಹತ್ತು ನಿಮಿಷ ಬಿಟ್ಟು ಮತ್ತೆ ಅಳೆಯಿರಿ. ಒತ್ತಡ ಬಿದ್ದರೆ ಗಾಳಿ ಎಲ್ಲೋ ಹೊರಗೆ ಹೋಗುತ್ತಿದೆ. ಪೈಲಟ್ ಬಲೂನನ್ನು ವಾಲ್ವ್ ಸಮೇತ ಸಣ್ಣ ಬಟ್ಟಲಿನ ನೀರಿನಲ್ಲಿ ಅದ್ದಿ, ಗುಳ್ಳೆ ಬಂದರೆ ದೋಷ ಅಲ್ಲೇ. ಗುಳ್ಳೆ ಇಲ್ಲದಿದ್ದರೆ ಕಫ್ ಒಡೆದಿರಬಹುದು. ಎರಡರಲ್ಲಿ ಯಾವುದೇ ದೋಷ ಇದ್ದರೂ ಟ್ಯೂಬ್ ಬದಲಿಸಬೇಕು. ಆಸ್ಪತ್ರೆಯಲ್ಲಿ ವಾಲ್ವ್ ಕೆಟ್ಟಾಗ ಅದರ ಸಣ್ಣ ನಳಿಕೆಯನ್ನು ಕತ್ತರಿಸಿ 22 ಗೇಜ್ ಕ್ಯಾನುಲಾ ತೂರಿಸಿ ತ್ರೀವೇ ಹಾಕಿ ಗಾಳಿ ಹಿಡಿದಿಡುವುದುಂಟು. ಅದು ಟ್ಯೂಬ್ ಬದಲಿಸುವವರೆಗಿನ ಏರ್ಪಾಡು, ಮನೆಯಲ್ಲಿ ಬೇಡ.

ಒತ್ತಡ 25ರಲ್ಲೇ ನಿಂತಿದ್ದು ಸೋರಿಕೆಯೂ ಇದ್ದರೆ, ನಾಳಕ್ಕೆ ಟ್ಯೂಬ್ ಸಣ್ಣದು, ಇಲ್ಲವೇ ಕಫ್ ಕುಳಿತ ಜಾಗದಲ್ಲಿ ನಾಳವೇ ಹಿಗ್ಗಿದೆ. ಇಲ್ಲಿ ಗಾಳಿ ಸೇರಿಸಿದರೆ ನಾಳ ಮತ್ತಷ್ಟು ಹಿಗ್ಗುತ್ತದೆ, ನಾಳೆ ಇನ್ನಷ್ಟು ಗಾಳಿ ಬೇಕಾಗುತ್ತದೆ. ವಾರದಿಂದ ವಾರಕ್ಕೆ ಗಾಳಿಯ ಬೇಡಿಕೆ ಏರುತ್ತಿದ್ದರೆ ಇಎನ್‌ಟಿಗೆ ತೋರಿಸಲೇಬೇಕು.

ಹಗಲು ಕಫ್ ಬೇಕಾ ಅನ್ನುವುದು ನಿಮ್ಮ ಪ್ರಶ್ನೆಗಳಲ್ಲೇ ದೊಡ್ಡದು. ಕಫ್ ಇರುವುದು ವೆಂಟಿಲೇಟರಿನ ಗಾಳಿ ಸೋರದಿರಲು ಮತ್ತು ಎಂಜಲು ಇಳಿಯುವುದನ್ನು ಕಡಿಮೆ ಮಾಡಲು. ಟ್ಯೂಬನ್ನು ಜಾಗದಲ್ಲಿ ಹಿಡಿದಿಡುವುದು ಪಟ್ಟಿ. ಎಂಜಲು ನುಂಗಲು, ಕೆಮ್ಮಿ ಹೊರಹಾಕಲು ಅವರಿಗೆ ಆಗುತ್ತದೆ ಅಂತ ವೈದ್ಯರು ಪರೀಕ್ಷಿಸಿ ಹೇಳಿದರೆ ಹಗಲು ಗಾಳಿ ತೆಗೆಯಬಹುದು. ಪಾರ್ಶ್ವವಾಯು ಆದವರಲ್ಲಿ ಆ ಪರೀಕ್ಷೆ ಇಲ್ಲದೆ ಬೇಡ. ಗಾಳಿ ತೆಗೆಯುವ ಕ್ರಮ: ಆಹಾರ ಕೊಟ್ಟ ಕೂಡಲೇ ಅಲ್ಲ, ತಲೆದಿಂಬು 30–45 ಡಿಗ್ರಿ ಎತ್ತರಿಸಿ, ಬಾಯಿ ಗಂಟಲು ಸಕ್ಷನ್ ಮಾಡಿ (ಯಂತ್ರದಿಂದ ಎಂಜಲು ಎಳೆದು ತೆಗೆದು), ಆಮೇಲೆ ಒಬ್ಬರು ಹೊಸ ಕ್ಯಾಥೆಟರಿನಿಂದ ಟ್ಯೂಬಿನೊಳಗೆ ಸಕ್ಷನ್ ಮಾಡುವಾಗಲೇ ಇನ್ನೊಬ್ಬರು ಸಿರಿಂಜಿನಲ್ಲಿ ನಿಧಾನ ಗಾಳಿ ಎಳೆಯಬೇಕು. ಒಬ್ಬರೇ ಮಾಡುವ ಕೆಲಸ ಅಲ್ಲ.

ಪ್ರಶ್ನೆ ಕೇಳಿದವರು: ಬದಿಯಡ್ಕ ಹೋಂ ಕೇರ್

ಉಪಕಾರ ಆಯಿತು. ಪಟ್ಟಿ ಸಡಿಲವೇ ಇತ್ತು, ಸರಿ ಮಾಡಿದ್ದೇವೆ. ವೈದ್ಯರ ಹತ್ತಿರ ಹಗಲಿನ ವಿಷಯ ಕೇಳುತ್ತೇವೆ. ಇನ್ನೆರಡು ಸಂಶಯ. ಮಾತಾಡುವ ವಾಲ್ವ್ ಹಾಕಿಸಬೇಕು ಅಂತ ಮನೆಯವರಿಗೆ ಆಸೆ. ಮತ್ತೆ ಮುಂದಿನ ತಿಂಗಳು ಮಡಿಕೇರಿಯ ಮಗಳ ಮನೆಗೆ ಕರೆದೊಯ್ಯುತ್ತಾರಂತೆ.

ಉತ್ತರ 4: ಪಯಸ್ವಿನಿ, ರೆಸ್ಪಿರೇಟರಿ ಥೆರಪಿ

ಮಡಿಕೇರಿ ಸಮುದ್ರಮಟ್ಟದಿಂದ ಸುಮಾರು 1150 ಮೀಟರ್ ಮೇಲೆ. ಅಲ್ಲಿ ವಾತಾವರಣದ ಒತ್ತಡ ಇಲ್ಲಿಗಿಂತ ಸುಮಾರು ಎಂಟರಲ್ಲೊಂದು ಪಾಲು ಕಡಿಮೆ. ಕಫ್‌ನೊಳಗಿನ ಗಾಳಿ ಹೊರಗೆ ಹೋಗಲಾರದು, ಹಾಗಾಗಿ ಹಿಗ್ಗಿ ನಾಳವನ್ನು ಒತ್ತುತ್ತದೆ. ಜಾಲ್ಸೂರು, ಸುಳ್ಯದವರೆಗೆ ಹೆಚ್ಚೇನೂ ಆಗದು. ಸಂಪಾಜೆ ದಾಟಿ ಘಾಟಿ ಹತ್ತುವಾಗ ಮಧ್ಯದಲ್ಲಿ ಒಮ್ಮೆ, ಮೇಲೆ ತಲುಪಿದ ಮೇಲೆ ಒಮ್ಮೆ ಅಳೆದು ಹೆಚ್ಚಾದದ್ದನ್ನು ತೆಗೆಯಿರಿ. ವಾಪಸು ಇಳಿಯುವಾಗ ಇದೇ ತಿರುಗುಮುರುಗು: ಅಲ್ಲಿ 25ಕ್ಕೆ ಇಟ್ಟ ಕಫ್ ಇಲ್ಲಿಗೆ ಬರುವಾಗ ಸಡಿಲವಾಗಿರುತ್ತದೆ. ಇಳಿಯುವಾಗ ಅಳೆಯಲು ಮರೆಯುವವರೇ ಹೆಚ್ಚು. ಗಾಡಿಯಲ್ಲಿ 8ರ ಇನ್ನೊಂದು ಟ್ಯೂಬ್, 7ರ ಒಂದು, ಸಿರಿಂಜ್, ಗೇಜ್, ಬ್ಯಾಟರಿ ಸಕ್ಷನ್, ಆಂಬು ಬ್ಯಾಗ್ (ಕೈಯಲ್ಲಿ ಒತ್ತಿ ಉಸಿರು ಕೊಡುವ ಚೀಲ) ಇರಲಿ.

ಮುಂದೆ ಯಾವಾಗಲಾದರೂ ಸಿಲಿಕಾನಿನ, ಟ್ಯೂಬಿಗೆ ಅಂಟಿದ ಹಾಗೆ ಕುಳಿತಿರುವ ಕಫ್ ಹಾಕಿದರೆ ಈ ಲೆಕ್ಕ ನಡೆಯುವುದಿಲ್ಲ. ಅದಕ್ಕೆ ಗಾಳಿ ತುಂಬಿದರೆ ಸಿಲಿಕಾನಿನ ಮೂಲಕವೇ ನಿಧಾನ ಹೊರಹೋಗುತ್ತದೆ, ಆದ್ದರಿಂದ ಸ್ಟೆರೈಲ್ ವಾಟರ್ ತುಂಬುತ್ತಾರೆ. ಟ್ಯೂಬ್ ಬದಲಾದ ದಿನವೇ ಯಾವ ಬಗೆಯದು ಅಂತ ಕೇಳಿ ಬರೆದಿಡಿ.

ಉತ್ತರ 5: ಪೈವಳಿಕೆ, ಇಎನ್‌ಟಿ

ಮಾತಾಡುವ ವಾಲ್ವ್ ಬಗ್ಗೆ ಬಹಳ ಎಚ್ಚರ ಬೇಕು. ಆ ವಾಲ್ವ್ ಗಾಳಿಯನ್ನು ಒಳಗೆ ಮಾತ್ರ ಬಿಡುತ್ತದೆ. ಹೊರಗೆ ಬರುವ ಉಸಿರು ಟ್ಯೂಬಿನ ಸುತ್ತಲಿಂದ ಗಂಟಲಿಗೆ ಏರಬೇಕು. ಕಫ್ ಉಬ್ಬಿದ್ದರೆ ಆ ದಾರಿ ಮುಚ್ಚಿರುತ್ತದೆ. ಉಸಿರು ಒಳಗೆ ಹೋಗುತ್ತದೆ, ಹೊರಗೆ ಬರುವುದಿಲ್ಲ, ನಿಮಿಷಗಳಲ್ಲಿ ಜೀವ ಹೋಗಬಹುದು. ಟ್ಯೂಬಿನ ಬಾಯಿ ಮುಚ್ಚುವ ಕ್ಯಾಪಿಗೂ ಇದೇ ಮಾತು. ಸ್ಪಂಜಿನ ಕಫ್ ತಾನಾಗಿಯೇ ಹಿಗ್ಗುವ ಜಾತಿ, ಅದಕ್ಕಂತೂ ಈ ವಾಲ್ವ್ ಕೂಡದು.

ಮೊದಲ ಸಲ ಆಸ್ಪತ್ರೆಯಲ್ಲೇ ಹಾಕಿಸಿ. ಕಫ್‌ನ ಗಾಳಿ ಪೂರ್ತಿ ತೆಗೆದು, ಗ್ಲೌಸ್ ಹಾಕಿದ ಬೆರಳಿನಿಂದ ಟ್ಯೂಬಿನ ಬಾಯಿ ಕ್ಷಣ ಮುಚ್ಚಿದಾಗ ಬಾಯಿಂದ ಉಸಿರೋ ದನಿಯೋ ಬರಬೇಕು. ಬಾರದಿದ್ದರೆ ಸುತ್ತ ಜಾಗ ಇಲ್ಲ. 8ರ ಬದಲು 7, ಅಥವಾ ಕಫ್ ಇಲ್ಲದ ಟ್ಯೂಬ್ ಬೇಕಾದೀತು. ನಿಮ್ಮ ರೋಗಿಗೆ ರಾತ್ರಿ ವೆಂಟಿಲೇಟರ್ ಇರುವುದರಿಂದ ದಿನಕ್ಕೆ ಎರಡು ಸಲ ಈ ಬದಲಾವಣೆ ಆಗುತ್ತದೆ: ಬೆಳಿಗ್ಗೆ ಗಾಳಿ ತೆಗೆದು ವಾಲ್ವ್, ರಾತ್ರಿ ವಾಲ್ವ್ ತೆಗೆದು ಗಾಳಿ. ಪೈಲಟ್ ಬಲೂನಿಗೆ "ವಾಲ್ವ್ ಹಾಕುವ ಮೊದಲು ಗಾಳಿ ತೆಗೆಯಿರಿ" ಅಂತ ಕೆಂಪು ಚೀಟಿ ಕಟ್ಟಿ, ಕನ್ನಡದಲ್ಲೂ ಮಲಯಾಳದಲ್ಲೂ. ಆ ಮನೆಗೆ ಬರುವ ಹೋಂ ನರ್ಸ್ ಯಾವ ಭಾಷೆಯವರು ಅಂತ ಹೇಳಲಾಗದು.