ಕೆನಡಾದ ರಾಕಿ ಪರ್ವತಗಳಲ್ಲಿ ಖಾಸಗಿ ಗೈಡ್ ಜೊತೆ ಐದಾರು ದಿನ: ವಯಸ್ಸಾದ ತಂದೆ-ತಾಯಿಯನ್ನು ಕರೆದೊಯ್ಯುವವರಿಗೆ ಸರಿಯೇ?

ಪ್ರಶ್ನೆ: ಸಾಗರದ ಹುಡುಗ, ಬ್ರಾಂಪ್ಟನ್

ಎಲ್ಲರಿಗೂ ನಮಸ್ಕಾರ. ನನ್ನ ತಂದೆ-ತಾಯಿ ಮುಂದಿನ ಬೇಸಿಗೆಯಲ್ಲಿ ಸಾಗರದಿಂದ ನಮ್ಮ ಮನೆಗೆ ಬರಲಿದ್ದಾರೆ. ಅವರಿಗೆ ಬ್ಯಾನ್ಫ್, ಯೋಹೊ ಮತ್ತು ಜಾಸ್ಪರ್ ರಾಷ್ಟ್ರೀಯ ಉದ್ಯಾನಗಳನ್ನು ತೋರಿಸಬೇಕೆಂಬುದು ನನ್ನ ಮತ್ತು ಪತ್ನಿಯ ಬಹುದಿನದ ಆಸೆ. ಮಕ್ಕಳೂ ಸೇರಿದರೆ ನಾವು ಆರು ಜನರಾಗುತ್ತೇವೆ. ತಂದೆಗೆ ಎಪ್ಪತ್ತು ದಾಟಿದ್ದರೂ ಚೆನ್ನಾಗಿ ನಡೆಯುತ್ತಾರೆ. ತಾಯಿಗೆ ಮಂಡಿನೋವಿದ್ದು, ಮೆಟ್ಟಿಲು ಇಳಿಯುವುದು ಕಷ್ಟವಾಗುತ್ತದೆ.

ಕ್ಯಾಲ್ಗರಿಯಿಂದ ಹೊರಟು ಮತ್ತೆ ಅಲ್ಲಿಗೇ ತಂದುಬಿಡುವ, ಗೈಡ್, ವ್ಯಾನು ಮತ್ತು ವಸತಿ ಸೇರಿದ ಖಾಸಗಿ ಪ್ರವಾಸವೊಂದರ ವಿವರ ತರಿಸಿಕೊಂಡಿದ್ದೇನೆ. ನಾವೇ ವ್ಯಾನು ಬಾಡಿಗೆಗೆ ಹಿಡಿದು ಓಡಾಡಿದರೆ ಆಗುವ ಖರ್ಚಿನ ಎರಡು ಪಟ್ಟಿಗಿಂತ ಹೆಚ್ಚು ಕೇಳುತ್ತಿದ್ದಾರೆ. ಇಷ್ಟು ಹಣ ಕೊಟ್ಟರೆ ನಿಜವಾಗಿ ಸಿಗುವುದೇನು, ಮುಂಗಡ ಕಟ್ಟುವ ಮೊದಲು ಏನೇನು ಕೇಳಬೇಕು, ಜೂನ್ ಕೊನೆ ಒಳ್ಳೆಯದೋ ಸೆಪ್ಟೆಂಬರ್ ಒಳ್ಳೆಯದೋ ಎಂಬುದನ್ನು ಅನುಭವವಿದ್ದವರು ತಿಳಿಸಿದರೆ ಉಪಕಾರವಾಗುತ್ತದೆ. ಅಷ್ಟು ಎತ್ತರದ ಜಾಗದಲ್ಲಿ ಹಿರಿಯರಿಗೆ ಉಸಿರಾಟದ ತೊಂದರೆಯಾಗಬಹುದೇ ಎಂಬ ಆತಂಕವೂ ಇದೆ.

ಉತ್ತರ: ಬೋ ನದಿ ದಂಡೆಯವನು, ಕ್ಯಾಲ್ಗರಿ

ಎತ್ತರದ ಚಿಂತೆಯನ್ನು ಮೊದಲು ಬಿಟ್ಟುಬಿಡಿ. ಬ್ಯಾನ್ಫ್ ಪಟ್ಟಣವಿರುವುದು 1,400 ಮೀಟರಿಗಿಂತ ಸ್ವಲ್ಪ ಕೆಳಗೆ. ಲೇಕ್ ಲೂಯಿಸ್ ಸುಮಾರು 1,730 ಮೀಟರ್ ಎತ್ತರದಲ್ಲಿದೆ. ನೀವು ಹೋಗುವ ದಾರಿಯ ಅತಿ ಎತ್ತರದ ಜಾಗವಾದ ಬೋ ಸಮಿಟ್ ಸುಮಾರು 2,070 ಮೀಟರ್, ಅಂದರೆ ನಮ್ಮ ಮುಳ್ಳಯ್ಯನಗಿರಿಯ ತುದಿಗಿಂತ ನೂರೈವತ್ತು ಮೀಟರಿನಷ್ಟೂ ಹೆಚ್ಚಿಲ್ಲ. ಲಡಾಖ್‌ಗೆ ಹೋಗುವವರು ಮಾಡಿಕೊಳ್ಳುವ ಸಿದ್ಧತೆ ಇಲ್ಲಿ ಅನಗತ್ಯ. ಹಿರಿಯರಿಗೆ ಕಾಟ ಕೊಡುವುದು ಚಳಿಗಾಳಿ ಮತ್ತು ಕಾರಿನಲ್ಲಿ ಕುಳಿತೇ ಇರಬೇಕಾದ ದೂರ.

ಇನ್ನು ಗೈಡ್ ವಿಷಯ. ರಸ್ತೆಗಳು ಉತ್ತಮವಾಗಿವೆ, ಫಲಕಗಳು ಸ್ಪಷ್ಟವಾಗಿವೆ, ದಾರಿ ತಪ್ಪುವ ಪ್ರಶ್ನೆಯೇ ಇಲ್ಲ; ಆದ್ದರಿಂದ ಬರೀ ವ್ಯಾನು ಓಡಿಸಲು ಒಬ್ಬರಿಗೆ ಅಷ್ಟು ಹಣ ಕೊಡುವುದು ನನಗೆ ಸರಿಕಾಣುವುದಿಲ್ಲ. ಆದರೆ ಎರಡು ಕಡೆ ಅವರ ನೆರವು ಎದ್ದು ಕಾಣುತ್ತದೆ. ಮೊರೇನ್ ಲೇಕ್ ರಸ್ತೆಯಲ್ಲಿ 2023ರಿಂದ ಖಾಸಗಿ ಕಾರುಗಳಿಗೆ ಪ್ರವೇಶವಿಲ್ಲ. ರಾಷ್ಟ್ರೀಯ ಉದ್ಯಾನಗಳನ್ನು ನೋಡಿಕೊಳ್ಳುವ ಸರ್ಕಾರಿ ಸಂಸ್ಥೆಯಾದ ಪಾರ್ಕ್ಸ್ ಕೆನಡಾದ ಶಟಲ್ ಬಸ್ಸಿನಲ್ಲಾಗಲಿ, ಪರವಾನಗಿ ಪಡೆದ ಪ್ರವಾಸ ಸಂಸ್ಥೆಯ ವಾಹನದಲ್ಲಾಗಲಿ ಹೋಗಬೇಕು. ಶಟಲ್ ಸೀಟುಗಳಲ್ಲಿ ಒಂದು ಪಾಲನ್ನು ವಸಂತ ಕಾಲದಲ್ಲಿ ಬಿಡುತ್ತಾರೆ, ಉಳಿದವನ್ನು ಪ್ರಯಾಣಕ್ಕೆ ಎರಡು ದಿನ ಮುಂಚೆ ಬೆಳಿಗ್ಗೆ 8 ಗಂಟೆಗೆ, ಅದೂ ಅಲ್ಲಿನ ಮೌಂಟನ್ ಸಮಯದ ಪ್ರಕಾರ, ಬಿಡುತ್ತಾರೆ. ಆರು ಸೀಟು ಒಂದೇ ಹೊತ್ತಿಗೆ ಸಿಗುವುದು ನಮ್ಮ ರೈಲ್ವೆಯ ತತ್ಕಾಲ್ ಟಿಕೆಟ್ ಸಿಕ್ಕಂತೆಯೇ. ಖಾಸಗಿ ಪ್ರವಾಸದವರು ನೇರವಾಗಿ ಸರೋವರದ ದಡಕ್ಕೆ ಕರೆದೊಯ್ಯುತ್ತಾರೆ, ಅಮ್ಮ ಬಸ್ಸಿಗೆ ಕಾಯುತ್ತಾ ನಿಲ್ಲಬೇಕಾಗಿಲ್ಲ. ಎರಡನೆಯದು ಯೋಹೊ. ಟಕಾಕಾ ಜಲಪಾತದ ರಸ್ತೆಯ ಹಿಮ್ಮುರಿ ತಿರುವುಗಳು ಎಷ್ಟು ಇಕ್ಕಟ್ಟೆಂದರೆ ಉದ್ದನೆಯ ವಾಹನಗಳು ಅಲ್ಲೊಂದು ಕಡೆ ಹಿಮ್ಮುಖವಾಗಿಯೇ ಸಾಗಬೇಕಾಗುತ್ತದೆ. ಅಂಥಲ್ಲಿ ಪಳಗಿದ ಕೈ ಇದ್ದರೆ ನೆಮ್ಮದಿ.

ಆದ್ದರಿಂದ ನನ್ನ ಸಲಹೆ ಹೀಗಿದೆ: ಬ್ಯಾನ್ಫ್‌ನಲ್ಲಿ ಉಳಿದುಕೊಂಡು ಲೇಕ್ ಲೂಯಿಸ್, ಮೊರೇನ್ ಮತ್ತು ಯೋಹೊಗೆ ಮಾತ್ರ ಎರಡು ದಿನ ಖಾಸಗಿ ಗೈಡ್ ಇಟ್ಟುಕೊಳ್ಳಿ. ಉತ್ತರಕ್ಕೆ ಜಾಸ್ಪರ್‌ವರೆಗಿನ ಐಸ್‌ಫೀಲ್ಡ್ಸ್ ಪಾರ್ಕ್‌ವೇ ಮೇಲೆ ನೀವೇ ಓಡಿಸಿಕೊಂಡು ಹೋಗಿ. ಸುಮಾರು 230 ಕಿಲೋಮೀಟರ್ ದಾರಿ, ಎಲ್ಲಿ ಬೇಕಾದರೂ ನಿಲ್ಲಿಸಬಹುದು. ಹೊರಡುವ ಮುಂಚೆ ಪೆಟ್ರೋಲ್ ತುಂಬಿಸಿಕೊಳ್ಳಿ, ನಕ್ಷೆಯನ್ನು ಫೋನಿಗೆ ಇಳಿಸಿಕೊಳ್ಳಿ, ಏಕೆಂದರೆ ದಾರಿಯ ಬಹುಭಾಗ ಸಿಗ್ನಲ್ ಇರುವುದಿಲ್ಲ. ಹದಿನೇಳು ವರ್ಷದವರೆಗಿನ ಮಕ್ಕಳಿಗೆ ಉದ್ಯಾನ ಪ್ರವೇಶ ಉಚಿತ, ಒಂದೇ ವಾಹನದಲ್ಲಿ ಏಳು ಜನರವರೆಗೆ ಹೋಗಲು ಕುಟುಂಬ ಪಾಸ್ ಕೂಡ ಇದೆ.

ಉತ್ತರ: ಹಳೆಯ ಗೈಡ್

ನಾನು ಕೆಲವು ಬೇಸಿಗೆ ಇದೇ ಉದ್ಯಾನಗಳಲ್ಲಿ ವ್ಯಾನು ಓಡಿಸುತ್ತಾ ಪ್ರವಾಸಿಗರಿಗೆ ವಿವರಣೆ ಕೊಡುವ ಕೆಲಸದಲ್ಲಿದ್ದೆ. ಕ್ಯಾಲ್ಗರಿಯ ಮಿತ್ರರು ಹೇಳಿದ್ದರಲ್ಲಿ ಬಹುಪಾಲನ್ನು ಒಪ್ಪುತ್ತೇನೆ, ಆದರೆ ಐಸ್‌ಫೀಲ್ಡ್ಸ್ ಪಾರ್ಕ್‌ವೇ ದಿನವನ್ನು ಗೈಡ್ ಇಲ್ಲದೆ ಕಳೆಯಿರಿ ಎಂಬುದನ್ನು ಒಪ್ಪಲಾರೆ. ಗೈಡ್‌ಗೆ ನೀವು ಕೊಡುವ ಹಣದ ಬೆಲೆ ತಿಳಿಯುವುದೇ ಆ ದಾರಿಯಲ್ಲಿ. ಬೆಳಿಗ್ಗೆ ಮೋಡ ಯಾವ ಕಣಿವೆಯಲ್ಲಿ ಕೂತಿದೆ ಎಂದು ನೋಡಿ, ಪೇಟೊ ಲೇಕ್ ಈಗಲೋ ಹಿಂತಿರುಗುವಾಗಲೋ ಎಂದು ತೀರ್ಮಾನಿಸುವುದು, ಬಸ್ಸುಗಳ ಗುಂಪು ಬಂದಿಳಿಯುವ ಮುನ್ನ ಅಥಾಬಾಸ್ಕಾ ಜಲಪಾತದಿಂದ ಹೊರಡಿಸುವುದು, ಮಂಡಿನೋವಿನವರಿಗೆ ಯಾವ ಕಡೆಯಿಂದ ಇಳಿಜಾರು ಕಡಿಮೆ ಎಂದು ತಿಳಿದಿರುವುದು, ಇವು ನಕ್ಷೆಯಲ್ಲಿ ಬರೆದಿರುವುದಿಲ್ಲ. ಪೇಟೊ ಲೇಕ್‌ನಲ್ಲಿ ಮೇಲಿನ ಪಾರ್ಕಿಂಗ್ ಜಾಗ ಪ್ರವಾಸಿ ಬಸ್ಸುಗಳಿಗೂ ನಡೆಯಲಾಗದವರಿಗೂ ಮೀಸಲಾಗಿದೆ. ಉಳಿದವರು ಕೆಳಗೆ ಕಾರು ನಿಲ್ಲಿಸಿ ಏರು ಹಾದಿಯಲ್ಲಿ ಹತ್ತಿ ಬರಬೇಕು. ನಿಮ್ಮ ತಾಯಿಯವರ ವಿಷಯದಲ್ಲಿ ಇದು ಸಣ್ಣ ಸಂಗತಿಯಲ್ಲ. ನೀವು ಆರಿಸುವ ಸಂಸ್ಥೆಯ ವ್ಯಾನಿಗೆ ಆ ಜಾಗದಲ್ಲಿ ಅವಕಾಶವಿದೆಯೇ ಎಂದು ಮೊದಲೇ ಕೇಳಿಟ್ಟುಕೊಳ್ಳಿ.

ವಿವರಣೆಯ ಮಾತೂ ಬಂತು. ಸಾಗರದವರಾದ ನಿಮ್ಮ ತಂದೆಯವರಿಗೆ ಶರಾವತಿ ಪಡುವಣಕ್ಕೂ ತುಂಗೆ ಮೂಡಣಕ್ಕೂ ಹರಿಯುವುದು ಗೊತ್ತಿರುತ್ತದೆ. ಆ ದಾರಿಯ ಬದಿಯ ವಿಶಾಲ ಹಿಮರಾಶಿಯಾದ ಕೊಲಂಬಿಯಾ ಐಸ್‌ಫೀಲ್ಡ್‌ನ ಸ್ನೋ ಡೋಮ್ ಎಂಬ ಶಿಖರದಿಂದ ನೀರು ಮೂರು ದಿಕ್ಕಿಗೆ ಹರಿಯುತ್ತದೆ: ಒಂದು ಕವಲು ಅಥಾಬಾಸ್ಕಾ ನದಿಯಾಗಿ ಕೊನೆಗೆ ಆರ್ಕ್ಟಿಕ್ ಸಾಗರವನ್ನು, ಇನ್ನೊಂದು ಸಸ್ಕಾಚೆವಾನ್ ನದಿಯ ಮೂಲಕ ಹಡ್ಸನ್ ಕೊಲ್ಲಿಯನ್ನು, ಮತ್ತೊಂದು ಕೊಲಂಬಿಯಾ ನದಿಯ ಮೂಲಕ ಪೆಸಿಫಿಕ್ ಸಾಗರವನ್ನು ಸೇರುತ್ತದೆ. ಅಥಾಬಾಸ್ಕಾ ಹಿಮನದಿಯ ಕಾಲುದಾರಿಯಲ್ಲಿ, ಯಾವ ಇಸವಿಯಲ್ಲಿ ಮಂಜು ಎಲ್ಲಿಯವರೆಗೆ ಇತ್ತೆಂದು ತೋರಿಸುವ ಫಲಕಗಳಿವೆ. ಒಂದರಿಂದ ಇನ್ನೊಂದಕ್ಕೆ ನಡೆಯುತ್ತಾ ಹೋದರೆ ಕಾಲಡಿಯ ಬಂಡೆಯಲ್ಲಿ ಮಂಜು ಉಜ್ಜಿಕೊಂಡು ಹೋದ ಗೀರುಗಳು ಒಂದೇ ದಿಕ್ಕಿಗೆ ಸಾಲಾಗಿ ಕಾಣುತ್ತವೆ, ಬೆರಳಿಟ್ಟರೆ ಕೈಗೂ ತಿಳಿಯುತ್ತವೆ. ಸುಮಾರು 125 ವರ್ಷಗಳಲ್ಲಿ ಆ ಹಿಮನದಿ ಒಂದೂವರೆ ಕಿಲೋಮೀಟರಿಗಿಂತ ಹೆಚ್ಚು ಹಿಂದೆ ಸರಿದಿದೆ. ಹೀಗೆ ಬಂಡೆ ಉಜ್ಜಿ ಬಂದ ಹಿಟ್ಟಿನಂಥ ಪುಡಿ ನೀರಿನಲ್ಲಿ ತೇಲುವುದರಿಂದಲೇ ಕೆಳಗಿನ ಸರೋವರಗಳಿಗೆ ಆ ಹಸಿರು ಬೆರೆತ ನೀಲಿ ಬಣ್ಣ. ಗೈಡ್ ಒಳ್ಳೆಯವರಾದರೆ ಈ ಮೂರನ್ನೂ ಒಂದೇ ಮಧ್ಯಾಹ್ನದಲ್ಲಿ ಒಂದಕ್ಕೊಂದು ಹೊಂದಿಸಿ ತೋರಿಸುತ್ತಾರೆ. ಇಲ್ಲದಿದ್ದರೆ ನೀವು ಮೂರು ಕಡೆ ಫೋಟೋ ತೆಗೆದುಕೊಂಡು ಮುಂದೆ ಹೋಗಿರುತ್ತೀರಿ.

ಆದರೆ "ಒಳ್ಳೆಯವರಾದರೆ" ಎಂಬುದರಲ್ಲೇ ಎಲ್ಲ ಇದೆ. ಉದ್ಯಾನದೊಳಗೆ ಪ್ರವಾಸದ ವ್ಯವಹಾರ ನಡೆಸಲು ಪಾರ್ಕ್ಸ್ ಕೆನಡಾದ ಪರವಾನಗಿ ಕಡ್ಡಾಯ. ಮೊದಲು ಅದನ್ನು ಕೇಳಿ, ಕೊಡಲು ಹಿಂದೇಟು ಹಾಕುವವರನ್ನು ಅಲ್ಲಿಗೇ ಬಿಡಿ. ಆಮೇಲೆ, ನಿಮ್ಮೊಂದಿಗೆ ಬರುವವರು ಚಾಲಕ ಮಾತ್ರವೋ, ಪ್ರಕೃತಿ ವಿವರಣೆಯಲ್ಲಿ ತರಬೇತಿ ಪಡೆದವರೋ ಎಂದು ಕೇಳಿ. ಹಿಮನದಿಯ ಮೇಲೆ ನಡೆಯುವ ಆಸೆಯಿದ್ದರೆ ಕೆನಡಾದ ಪರ್ವತ ಗೈಡ್‌ಗಳ ಸಂಘದ ಪ್ರಮಾಣಪತ್ರ ಹೊಂದಿದ ಬೇರೆಯೇ ಗೈಡ್ ಬೇಕು, ವ್ಯಾನಿನ ಗೈಡ್ ನಿಮ್ಮನ್ನು ಮಂಜಿನ ಬಿರುಕುಗಳ ಮೇಲೆ ಕರೆದೊಯ್ಯುವಂತಿಲ್ಲ. ಹಿರಿಯರಿಗೆ ದೈತ್ಯ ಚಕ್ರಗಳ ಹಿಮವಾಹನವೇ ಸಾಕು. ಅದರ ಟಿಕೆಟ್, ಮಲೀನ್ ಸರೋವರದ ದೋಣಿ ಮತ್ತು ಬ್ಯಾನ್ಫ್‌ನ ಗೊಂಡೊಲಾ ಎಂಬ ರೋಪ್‌ವೇ, ಇವು ಪ್ರವಾಸದ ಬೆಲೆಯಲ್ಲಿ ಸೇರಿವೆಯೇ ಎಂಬುದನ್ನು ಹೆಸರು ಹಿಡಿದು ಕೇಳಿ. "ಎಲ್ಲವೂ ಸೇರಿದೆ" ಎಂಬ ಮಾತಿನೊಳಗೆ ಬಹಳ ಸಲ ಈ ಮೂರೂ ಇರುವುದಿಲ್ಲ. ಆಲ್ಬರ್ಟಾದಲ್ಲಿ ಪ್ರಾಂತೀಯ ಮಾರಾಟ ತೆರಿಗೆ ಇಲ್ಲ, ಶೇಕಡಾ 5 ಜಿಎಸ್‌ಟಿ ಇದೆ. ಗೈಡ್‌ಗೆ ಟಿಪ್ಸ್ ಕೊಡುವ ರೂಢಿಯನ್ನೂ ಲೆಕ್ಕಕ್ಕೆ ಹಿಡಿಯಿರಿ.

ಕರಡಿಗಳ ಬಗ್ಗೆ ಒಂದು ಮಾತು. ಕರಡಿ, ತೋಳಗಳಿಂದ ಕನಿಷ್ಠ 100 ಮೀಟರ್, ಎಲ್ಕ್ ಮತ್ತು ಜಿಂಕೆಗಳಿಂದ 30 ಮೀಟರ್ ದೂರವಿರಬೇಕೆಂಬುದು ನಿಯಮ. ರಸ್ತೆ ಬದಿಯಲ್ಲಿ ಕರಡಿ ಕಂಡಾಗ ವ್ಯಾನು ನಿಲ್ಲಿಸಿ ಎಲ್ಲರನ್ನೂ ಇಳಿಸುವ ಗೈಡ್ ಸಿಕ್ಕರೆ ನೀವು ಇಳಿಯಬೇಡಿ.

ಉತ್ತರ: ಮೈಸೂರಿನ ನಿವೃತ್ತ ಶಿಕ್ಷಕಿ

ನಾನು ನಿಮ್ಮ ತಾಯಿಯವರ ವಯಸ್ಸಿನವಳು, ಮಗನ ಸಂಸಾರದೊಂದಿಗೆ ಇಂಥದೇ ಖಾಸಗಿ ಪ್ರವಾಸ ಮಾಡಿದವಳು. ಹಾಗಾಗಿ ವ್ಯಾನಿನ ಹಿಂದಿನ ಸೀಟಿನಿಂದ ಕಂಡದ್ದನ್ನು ಹೇಳುತ್ತೇನೆ. ಗೈಡ್ ಇದ್ದುದರಿಂದ ನನಗಾದ ದೊಡ್ಡ ಲಾಭವೆಂದರೆ ನನ್ನ ಮಗ ಸ್ಟಿಯರಿಂಗ್ ಹಿಡಿದಿರಲಿಲ್ಲ. ಮಕ್ಕಳು ಓಡಿಸುತ್ತಿರುವಾಗ ನಾವು ಹಿರಿಯರು ಶೌಚಾಲಯಕ್ಕೆ ನಿಲ್ಲಿಸಿ ಎನ್ನಲು ಸಂಕೋಚಪಟ್ಟು ನೀರು ಕುಡಿಯುವುದನ್ನೇ ಬಿಟ್ಟುಬಿಡುತ್ತೇವೆ. ಆ ಗೈಡ್ ಕೇಳದೆಯೇ ಗಂಟೆಗೊಮ್ಮೆ ನಿಲ್ಲಿಸುತ್ತಿದ್ದರು. ಪಾರ್ಕ್‌ವೇ ಬದಿಯ ಶೌಚಾಲಯಗಳಲ್ಲಿ ಹೆಚ್ಚಿನವು ನೀರಿಲ್ಲದ ಗುಂಡಿಯ ಮಾದರಿಯವು, ಆದ್ದರಿಂದ ಒಂದು ಬಾಟಲಿ ನೀರು ಮತ್ತು ಟಿಶ್ಯೂ ಕೈಚೀಲದಲ್ಲಿ ಇರಲಿ.

ಊಟದ ವಿಷಯದಲ್ಲಿ ಸಂಸ್ಥೆಯವರ "ಸಸ್ಯಾಹಾರ ಸಿಗುತ್ತದೆ" ಎಂಬ ಭರವಸೆಯನ್ನು ನಂಬಿ ಕೂರಬೇಡಿ. ನಮಗೆ ಮಧ್ಯಾಹ್ನದ ಪೊಟ್ಟಣದಲ್ಲಿ ಬಂದದ್ದು ತಣ್ಣಗಿನ ಬ್ರೆಡ್ಡಿನ ನಡುವೆ ಎರಡು ಸೌತೆಕಾಯಿ ಬಿಲ್ಲೆ. ಮಾರನೆಯ ದಿನದಿಂದ ಸೊಸೆ ಹೋಟೆಲ್ ಕೋಣೆಯಲ್ಲೇ ಕುದಿಯುವ ನೀರು ಹಾಕಿ ಅವಲಕ್ಕಿ ನೆನೆಸಿ, ಒಗ್ಗರಣೆ ಪುಡಿ ಕಲಸಿ ಡಬ್ಬಿಗೆ ತುಂಬುತ್ತಿದ್ದಳು. ಅಡುಗೆಮನೆ ಇರುವ ಕೋಣೆಯನ್ನೇ ಕೊಡಬೇಕೆಂದು ಮೊದಲೇ ಬರೆಸಿಕೊಳ್ಳಿ. ಡಬ್ಬಿಯನ್ನಾಗಲಿ ತಿಂಡಿಯ ಚೂರನ್ನಾಗಲಿ ಹೊರಗಿನ ಮೇಜಿನ ಮೇಲೆ ಬಿಟ್ಟು ಹೋಗಬಾರದು, ಅಲ್ಲಿ ಅದಕ್ಕೆ ದಂಡ ಹಾಕುತ್ತಾರೆ, ಕರಡಿಗೆ ರುಚಿ ಹತ್ತಬಾರದೆಂದು. ಮಂಡಿನೋವಿಗೆ ಎರಡು ಊರುಗೋಲು ಒಂದಕ್ಕಿಂತ ಎಷ್ಟೋ ವಾಸಿ. ಬ್ಯಾನ್ಫ್‌ನ ಬಿಸಿನೀರಿನ ಬುಗ್ಗೆಯ ಕೊಳಕ್ಕೆ ಒಂದು ಸಂಜೆ ಬಿಡುವು ಇಟ್ಟುಕೊಳ್ಳಿ. ಇಡೀ ಕೆನಡಾದ ರಾಷ್ಟ್ರೀಯ ಉದ್ಯಾನ ವ್ಯವಸ್ಥೆ ಹುಟ್ಟಿದ್ದೇ 1885ರಲ್ಲಿ ಅಲ್ಲಿನ ಬುಗ್ಗೆಗಳನ್ನು ಸರ್ಕಾರ ಕಾಯ್ದಿರಿಸಿದಾಗ ಎಂದು ಗೈಡ್ ಹೇಳಿದರು, ನನ್ನ ಕಾಲುಗಳು ಆ ಸರ್ಕಾರಕ್ಕೆ ಕೃತಜ್ಞವಾಗಿವೆ.

ಮರುಪ್ರಶ್ನೆ: ಸಾಗರದ ಹುಡುಗ, ಬ್ರಾಂಪ್ಟನ್

ಮೂವರಿಗೂ ಧನ್ಯವಾದ. ಪಾರ್ಕ್‌ವೇ ದಿನಕ್ಕೂ ಗೈಡ್ ಇರಲಿ ಎಂಬ ಕಡೆಗೆ ಮನಸ್ಸು ವಾಲಿದೆ. ಅಮ್ಮನಿಗೆ ಶಿಕ್ಷಕಿಯವರ ಮಾತನ್ನು ಓದಿ ಹೇಳಿದೆ, ಅವರೂ ಅದನ್ನೇ ಹೇಳಿದರು. ಉಳಿದಿರುವ ಸಂದೇಹ ಕಾಡ್ಗಿಚ್ಚಿನದು. ಜಾಸ್ಪರ್‌ನಲ್ಲಿ 2024ರ ಜುಲೈಯಲ್ಲಿ ಆದದ್ದನ್ನು ಟಿವಿಯಲ್ಲಿ ನೋಡಿದ್ದೇವೆ. ಹಣ ಕಟ್ಟಿದ ಮೇಲೆ ಹಾಗೇನಾದರೂ ಆದರೆ?

ಉತ್ತರ: ಹಳೆಯ ಗೈಡ್

ಆ ಬೆಂಕಿಯಲ್ಲಿ ಜಾಸ್ಪರ್ ಪಟ್ಟಣದ ಮೂರನೆಯ ಒಂದು ಭಾಗದಷ್ಟು ಕಟ್ಟಡಗಳು ಸುಟ್ಟುಹೋದವು, ಊರನ್ನೇ ಖಾಲಿ ಮಾಡಿಸಬೇಕಾಯಿತು. ದಾರಿಯ ಇಕ್ಕೆಲಗಳಲ್ಲಿ ಕರಿಕಂಬಗಳಂತೆ ನಿಂತ ಮರಗಳನ್ನು ನೀವು ನೋಡುತ್ತೀರಿ, ಮಕ್ಕಳಿಗೆ ಮುಂಚೆಯೇ ಹೇಳಿ ಕರೆದುಕೊಂಡು ಹೋಗಿ. ವಸತಿ ಮೊದಲಿಗಿಂತ ಕಡಿಮೆಯಾಗಿರುವುದರಿಂದ ಜಾಸ್ಪರ್ ಕೋಣೆಗಳು ಖಚಿತವಾದ ಮೇಲಷ್ಟೇ ಉಳಿದ ದಿನಗಳನ್ನು ಹೊಂದಿಸಿಕೊಳ್ಳಿ.

ಹೊಗೆಯ ಕಾಟ ಸಾಮಾನ್ಯವಾಗಿ ಜುಲೈ, ಆಗಸ್ಟ್‌ನಲ್ಲಿ ಹೆಚ್ಚು. ಜೂನ್ ಕೊನೆಗೆ ಸರೋವರಗಳ ಮಂಜು ಕರಗಿ ಬಣ್ಣ ಬಂದಿರುತ್ತದೆ, ರಾತ್ರಿ ಹತ್ತರವರೆಗೂ ಬೆಳಕಿರುತ್ತದೆ, ಎತ್ತರದ ಕಾಲುದಾರಿಗಳಲ್ಲಿ ಮಾತ್ರ ಇನ್ನೂ ಮಂಜಿರುತ್ತದೆ. ಹೇಗೂ ನೀವು ಅಲ್ಲಿಗೆ ಹತ್ತುವುದಿಲ್ಲ. ಸೆಪ್ಟೆಂಬರ್ ಉತ್ತರಾರ್ಧದಲ್ಲಿ ಲಾರ್ಚ್ ಮರಗಳ ಸೂಜಿಯೆಲೆಗಳು ಹೊಂಬಣ್ಣಕ್ಕೆ ತಿರುಗುವುದು ನಿಜಕ್ಕೂ ಚೆಲುವು, ಆದರೆ ಅದನ್ನು ಹತ್ತಿರದಿಂದ ನೋಡಲು ಹತ್ತಬೇಕು, ಜನಸಂದಣಿಯೂ ವಿಪರೀತ. ನಿಮ್ಮ ಬಳಗಕ್ಕೆ ಜೂನ್ ಕೊನೆಯೇ ಸರಿ.

ಕರಾರು ಪತ್ರದಲ್ಲಿ ಎರಡು ಸಂಗತಿ ಸ್ಪಷ್ಟವಾಗಿರಲಿ. ಸರ್ಕಾರದ ಆದೇಶದಿಂದ ಉದ್ಯಾನವೋ ಹೆದ್ದಾರಿಯೋ ಮುಚ್ಚಿದರೆ ಕಟ್ಟಿದ ಹಣ ವಾಪಸ್ ಬರುತ್ತದೆಯೋ, ಮುಂದಿನ ವರ್ಷ ಬಳಸುವ ಕ್ರೆಡಿಟ್ ಮಾತ್ರವೋ ಎಂಬುದು ಒಂದು. ಹೆಚ್ಚಿನ ಸಂಸ್ಥೆಗಳಿಗೆ ಕ್ರೆಡಿಟ್ ಕೊಡುವುದೇ ಇಷ್ಟ, ಆದರೆ ನಿಮ್ಮ ತಂದೆ-ತಾಯಿ ಮುಂದಿನ ವರ್ಷ ಮತ್ತೆ ಬರದಿದ್ದರೆ ಅದರಿಂದ ನಿಮಗೆ ಚಿಕ್ಕಾಸಿನ ಉಪಯೋಗವಿಲ್ಲ. ಉತ್ತರದ ಭಾಗ ಮಾತ್ರ ಮುಚ್ಚಿದರೆ ಆ ದಿನಗಳನ್ನು ಕೂಟ್ನಿಗೋ, ಕನನಾಸ್ಕಿಸ್‌ಗೋ, ದಕ್ಷಿಣದ ವಾಟರ್ಟನ್‌ಗೋ ತಿರುಗಿಸಲು ಒಪ್ಪುತ್ತಾರೆಯೇ, ಆಗ ವಸತಿಯ ವ್ಯತ್ಯಾಸದ ಹಣವನ್ನು ಯಾರು ಭರಿಸುತ್ತಾರೆ ಎಂಬುದು ಇನ್ನೊಂದು. ಫೋನಿನಲ್ಲಿ ಎಲ್ಲರೂ "ಆಗಲಿ" ಎನ್ನುತ್ತಾರೆ. ಎರಡಕ್ಕೂ ಉತ್ತರ ಇಮೇಲ್‌ನಲ್ಲಿ ಬಂದ ಮೇಲೆ ಮುಂಗಡ ಕಟ್ಟಿ.